ಸ್ವರ್ಗ ದೇಗುಲದ ಪಕ್ಕದ ಬಾದುವಾನ್‌ಜಿನ್ ತರಗತಿ: ಹಣ ಕೊಟ್ಟು ಕಲಿಯಬೇಕಾದದ್ದು, ಹಣ ಕೊಡಬಾರದ್ದು

ಬೀಜಿಂಗ್‌ನ ಸ್ವರ್ಗ ದೇಗುಲ ಉದ್ಯಾನದ ಪೂರ್ವ ದ್ವಾರದಿಂದ ನಡೆದು ಹೋಗುವಷ್ಟು ದೂರದಲ್ಲಿ, ಹಳೆಯ ವಸತಿ ಸಮುಚ್ಚಯವೊಂದರ ನೆಲಮಹಡಿಯಲ್ಲಿ ನಡೆಯುವ ಚಿಗಾಂಗ್ ತರಗತಿಯನ್ನು ಕುರಿತು ಇಲ್ಲಿ ಬರೆಯುತ್ತಿದ್ದೇನೆ. ಸಂಸ್ಥೆಯ ಹೆಸರನ್ನು ಬೇಕೆಂದೇ ಬಿಟ್ಟಿದ್ದೇನೆ. ನಾನು ಮನಸಾರೆ ಶಿಫಾರಸು ಮಾಡುವ ಪಾಠವೂ, ಯಾರೂ ಹಣ ಕೊಡಬಾರದೆಂದು ನನಗೆ ಖಚಿತವಾಗಿ ಅನ್ನಿಸಿರುವ ಪಾಠವೂ ಅಲ್ಲಿ ಒಂದೇ ಸೂರಿನಡಿ ನಡೆಯುತ್ತವೆ. ಉದ್ಯೋಗಕ್ಕಾಗಿ ಚೀನಾಕ್ಕೆ ಬಂದು, ‘ಚಿ’ಯನ್ನು, ಅಂದರೆ ದೇಹದಲ್ಲಿ ಹರಿಯುತ್ತದೆಂದು ಚೀನೀ ಪರಂಪರೆ ನಂಬುವ ಪ್ರಾಣಶಕ್ತಿಯನ್ನು, ಬೆಳೆಸಿಕೊಳ್ಳುವ ಚಿಗಾಂಗ್‌ನ ಸಾಂಪ್ರದಾಯಿಕ ವ್ಯಾಯಾಮ, ಉಸಿರಾಟ, ಧ್ಯಾನಗಳನ್ನು ಇಲ್ಲಿನವರಿಂದಲೇ ಕಲಿಯಬೇಕೆಂದು ಹೊರಡುವ ಕನ್ನಡಿಗರಿಗೆ ಇವೆರಡರ ನಡುವಿನ ವ್ಯತ್ಯಾಸವನ್ನು ಮೊದಲೇ ತಿಳಿಸುವುದು ಈ ಬರಹದ ಉದ್ದೇಶ.

ಶಿಫಾರಸು ಮಾಡುವ ಪಾಠ ಬಾದುವಾನ್‌ಜಿನ್. ಎಂಟು ಚಲನೆಗಳ ಈ ಸರಣಿಯ ಹೆಸರು ಸಾಂಗ್ ರಾಜವಂಶದ ಕಾಲದ (10ರಿಂದ 13ನೆಯ ಶತಮಾನ) ಬರಹಗಳಲ್ಲಿಯೇ ಸಿಗುತ್ತದೆ. ಇಂಥ ಅಂಗಾಭ್ಯಾಸಗಳ ಪರಂಪರೆಯಂತೂ ಅದಕ್ಕಿಂತ ಬಹಳ ಹಳೆಯದು: ಹೂನಾನ್ ಪ್ರಾಂತ್ಯದ ಛಾಂಗ್‌ಶಾ ನಗರದ ಬಳಿ, ಮಾವಾಂಗ್‌ದ್ವೇಯ ಮೂರನೆಯ ಸಮಾಧಿಯನ್ನು 1970ರ ದಶಕದಲ್ಲಿ ಅಗೆದಾಗ, ಕೈಕಾಲು ಚಾಚಿ, ಬಾಗಿ, ತಿರುಗಿ ನಿಂತ 44 ಮಾನವಾಕೃತಿಗಳಿರುವ ರೇಷ್ಮೆ ಚಿತ್ರಪಟವೊಂದು ದೊರೆಯಿತು, ಆ ಸಮಾಧಿ ಮುಚ್ಚಿದ್ದು ಕ್ರಿಸ್ತಪೂರ್ವ 168ರಲ್ಲಿ. ಆದರೆ ‘ಚಿಗಾಂಗ್’ ಎಂಬ ಒಂದೇ ಹೆಸರಿನಡಿ ಇವೆಲ್ಲವನ್ನೂ ಕೂಡಿಸಿ, ಚಿಕಿತ್ಸಾಕ್ರಮವಾಗಿ ರೂಪಿಸಿದ ಕೆಲಸ ನಡೆದದ್ದು 1950ರ ದಶಕದಲ್ಲಿ, ಹೆಬೈ ಪ್ರಾಂತ್ಯದ ತಾಂಗ್‌ಶಾನ್ ಮತ್ತು ಬೈದಾಯ್‌ಹೆ ಆರೋಗ್ಯಧಾಮಗಳಲ್ಲಿ, ಲಿಯೂ ಗುಯ್‌ಝೆನ್ ಅವರ ನೇತೃತ್ವದಲ್ಲಿ. ಇಂದು ಉದ್ಯಾನಗಳಲ್ಲಿ ಹೆಚ್ಚಾಗಿ ಕಾಣುವ ಬಾದುವಾನ್‌ಜಿನ್ ಕ್ರಮ ಅದಕ್ಕಿಂತಲೂ ಈಚಿನದು. ಚೀನಾದ ಕ್ರೀಡಾ ಆಡಳಿತವು ಹಳೆಯ ಪಾಠಾಂತರಗಳನ್ನು ಪರಿಶೀಲಿಸಿ 2003ರಲ್ಲಿ ಹೊರತಂದ ನಾಲ್ಕು ಸರಣಿಗಳಲ್ಲಿ ಇದೂ ಒಂದು. ಸ್ನಾಯುಗಳನ್ನು ಹದಗೊಳಿಸುವ ಯೀಜಿನ್‌ಜಿಂಗ್; ಹುಲಿ, ಜಿಂಕೆ, ಕರಡಿ, ಕೋತಿ, ಹಕ್ಕಿಗಳ ಚಲನೆಯನ್ನು ಅನುಸರಿಸುವ ವೂಚಿನ್‌ಷಿ; ಆರು ಉಚ್ಚಾರಗಳ ಲಿಯೂಝಿಜುಯೆ ಉಳಿದ ಮೂರು. ಇಡೀ ಸರಣಿಗೆ ತಗಲುವ ಸಮಯ ಸುಮಾರು 12 ನಿಮಿಷ.

ಹನ್ನೆರಡು ನಿಮಿಷದ ವ್ಯಾಯಾಮವನ್ನು ಕಲಿಯಲು ತಿಂಗಳುಗಟ್ಟಲೆ ತರಗತಿ ಏಕೆ ಬೇಕು, ಯೂಟ್ಯೂಬ್ ನೋಡಿ ಕಲಿತರೆ ಸಾಲದೇ ಎಂದು ಅನೇಕರು ಕೇಳುತ್ತಾರೆ. ಈ ಪ್ರಶ್ನೆಗೆ ಉತ್ತರ ಆ ತರಗತಿಯ ಗುರುಗಳ ಕಣ್ಣಿನಲ್ಲಿದೆ. ಎಪ್ಪತ್ತರ ಆಸುಪಾಸಿನ ಆ ಮಹಿಳೆ, ವಿದ್ಯಾರ್ಥಿಗಳೆಲ್ಲ ‘ಲಾವ್‌ಶಿ’ ಎಂದು ಗೌರವದಿಂದ ಕರೆಯುವ ಅವರು, ಮೊದಲ ಕೆಲವು ಪಾಠಗಳಲ್ಲಿ ಎಂಟು ಚಲನೆಗಳ ಮಾತನ್ನೇ ಎತ್ತುವುದಿಲ್ಲ. ಸುಮ್ಮನೆ ನಿಲ್ಲಿಸುತ್ತಾರೆ. ಪಾದಗಳು ಭುಜದಷ್ಟು ಅಗಲಕ್ಕೆ, ಮಂಡಿ ಸ್ವಲ್ಪ ಸಡಿಲ, ಕೈಗಳು ಹೊಟ್ಟೆಯ ಮುಂದೆ ದೊಡ್ಡದೊಂದು ಚೆಂಡನ್ನು ತಬ್ಬಿದ ಹಾಗೆ. ಆಮೇಲೆ ಒಬ್ಬೊಬ್ಬರ ಬಳಿಯೂ ಬಂದು, ಅವರನ್ನು ಗೋಡೆಗೆ ಬೆನ್ನು ಮಾಡಿ ನಿಲ್ಲಿಸಿ, ಸೊಂಟ ಮತ್ತು ಗೋಡೆಯ ನಡುವಿನ ಸಂದಿಯಲ್ಲಿ ತಮ್ಮ ಅಂಗೈಯನ್ನು ತೂರಿಸಿ ನೋಡುತ್ತಾರೆ. ಅಂಗೈ ಸಲೀಸಾಗಿ ಹೋದರೆ ಸೊಂಟ ಬಿಗಿದು ಒಳಕ್ಕೆ ಕಮಾನಾಗಿದೆ ಎಂದು ಅರ್ಥ. ಆಗ ಬಾಲದ ಮೂಳೆಯನ್ನು ನೆಲದ ಕಡೆಗೆ ಇಳಿಬಿಡಲು, ಎತ್ತರದ ಸ್ಟೂಲಿನ ತುದಿಯ ಮೇಲೆ ಕೂರುವವರಂತೆ ಇಳಿಯಲು ಹೇಳುತ್ತಾರೆ. ದಿನವಿಡೀ ಕಂಪ್ಯೂಟರಿನ ಮುಂದೆ ಕುಳಿತು ದುಡಿಯುವ ನಮ್ಮಂಥವರ ಸೊಂಟ ಎಷ್ಟು ಮೊಂಡಾಗಿದೆ ಎಂಬುದು ಆ ಒಂದು ಪರೀಕ್ಷೆಯಲ್ಲಿ ಗೊತ್ತಾಗುತ್ತದೆ. ಇದನ್ನು ಯಾವ ವಿಡಿಯೋವೂ ತಿದ್ದಲಾರದು.

ಚಲನೆಗಳಿಗೆ ಬಂದ ಮೇಲೂ ಅದೇ ನಿಷ್ಠುರ ಗಮನ. ಎರಡನೆಯ ಚಲನೆ ಬಿಲ್ಲು ಎಳೆದು ಹದ್ದಿಗೆ ಗುರಿಯಿಡುವುದು. ಕುದುರೆ ಸವಾರಿಯ ಭಂಗಿಯಲ್ಲಿ ಇಳಿದು, ಒಂದು ಕೈಯ ಹೆಬ್ಬೆರಳು ಮತ್ತು ತೋರುಬೆರಳನ್ನು ಬಿಚ್ಚಿ, ಉಳಿದ ಬೆರಳುಗಳನ್ನು ಮಡಿಸಿ ಪಕ್ಕಕ್ಕೆ ತಳ್ಳಬೇಕು. ಇನ್ನೊಂದು ಕೈ ಬೆರಳುಗಳನ್ನು ಬಾಗಿಸಿ ಹೆದೆಯನ್ನು ಎಳೆದಂತೆ ಭುಜದ ಮುಂದಕ್ಕೆ ಬರಬೇಕು. ನೋಡುವುದಕ್ಕೆ ತೋಳಿನ ಕೆಲಸ ಎನಿಸಿದರೂ, ಗುರುಗಳು ತಟ್ಟುವುದು ಬೆನ್ನಿನ ರೆಕ್ಕೆಮೂಳೆಗಳ ನಡುವಿನ ಜಾಗವನ್ನು: ಎಳೆತ ಅಲ್ಲಿಂದ ಹೊರಡಬೇಕು, ಎದೆ ತೆರೆದುಕೊಳ್ಳಬೇಕು, ಮುಂದೆ ಚಾಚಿದ ಮಣಿಕಟ್ಟು ಬಿಗಿದಿದ್ದರೂ ಭುಜ ಕಿವಿಯ ಕಡೆಗೆ ಏರಬಾರದು. ಕೊನೆಯ ಚಲನೆಯಾದ ಹಿಮ್ಮಡಿ ಎತ್ತಿ ಇಳಿಸುವುದನ್ನು ಬಹಳ ಮಂದಿ ಧೊಪ್ಪನೆ ಬೀಳಿಸಿ ಹಾಳು ಮಾಡುತ್ತಾರೆ. ಕಾಲ್ಬೆರಳುಗಳಿಂದ ನೆಲವನ್ನು ಹಿಡಿದು, ನೆತ್ತಿಯನ್ನು ಮೇಲಕ್ಕೆ ಎತ್ತಿ ಒಂದು ಕ್ಷಣ ನಿಂತು, ಹಿಮ್ಮಡಿಯನ್ನು ಅರ್ಧದವರೆಗೆ ನಿಧಾನವಾಗಿ ಇಳಿಸಿ, ಹಲ್ಲನ್ನು ಮೆಲ್ಲಗೆ ಕಚ್ಚಿಕೊಂಡು, ಉಳಿದರ್ಧವನ್ನು ಹಗುರವಾಗಿ ನೆಲಕ್ಕೆ ತಾಗಿಸಬೇಕು. ಇದು ಏಳು ಬಾರಿ. ಸರಿಯಾಗಿ ಮಾಡಿದಾಗ ಬೆನ್ನುಹುರಿಯ ಉದ್ದಕ್ಕೂ ಒಂದು ಸಣ್ಣ ಕಂಪನ ಹಾದುಹೋಗುತ್ತದೆ, ತಲೆಗೆ ಆಘಾತ ತಟ್ಟುವುದಿಲ್ಲ. ತಲೆಯನ್ನೂ ಬಾಲಮೂಳೆಯನ್ನೂ ತೂಗುವ ಐದನೆಯ ಚಲನೆ ಮಂಡಿಗೆ ಅತ್ಯಂತ ಭಾರವಾದದ್ದು. ಮಂಡಿನೋವಿದ್ದವರಿಗೆ ಗುರುಗಳು ಭಂಗಿಯನ್ನು ಎತ್ತರಿಸಿಕೊಡುತ್ತಾರೆ, ರಕ್ತದೊತ್ತಡವಿದ್ದವರಿಗೆ ಆರನೆಯ ಚಲನೆಯಲ್ಲಿ ಪೂರ್ತಿ ಬಾಗಲು ಬಿಡುವುದಿಲ್ಲ. ಪಾಠ ಶುರುವಾಗುವ ಮೊದಲೇ ಯಾರಿಗೆ ಏನು ತೊಂದರೆ ಎಂದು ಕೇಳಿ ನೆನಪಿಟ್ಟುಕೊಳ್ಳುವ ಗುರುಗಳು ಅಪರೂಪ.

ಉಸಿರಾಟವನ್ನು ಅವರು ತೀರಾ ತಡವಾಗಿ ಕಲಿಸುತ್ತಾರೆ, ಇದು ನನಗೆ ಬಹಳ ಮೆಚ್ಚುಗೆಯಾದ ನಿರ್ಧಾರ. ಚೀನೀ ಪರಂಪರೆಯಲ್ಲಿ ದೇಹ, ಉಸಿರು, ಮನಸ್ಸು ಈ ಮೂರನ್ನು ಹದಗೊಳಿಸುವುದೇ ಸಾಧನೆಯ ತಿರುಳು, ಮತ್ತು ಅವರ ಪಾಠದಲ್ಲಿ ಆ ಕ್ರಮ ಎಂದೂ ಅದಲುಬದಲಾಗುವುದಿಲ್ಲ. ಚಲನೆ ಕೈಗೆ ಕೂಡಿಬರುವ ತನಕ ಸಹಜವಾಗಿ ಉಸಿರಾಡಬೇಕು. ಆಮೇಲೆ ತೋಳು ಏರುವಾಗ, ದೇಹ ತೆರೆಯುವಾಗ ಉಸಿರು ಒಳಕ್ಕೆ, ಇಳಿಯುವಾಗ, ಮುದುಡುವಾಗ ಹೊರಕ್ಕೆ. ನಾಲಿಗೆಯ ತುದಿ ಮೇಲಂಗುಳವನ್ನು ಮುಟ್ಟಿರಬೇಕು. ಹೊಟ್ಟೆಯನ್ನು ಉಸಿರು ತೆಗೆದುಕೊಳ್ಳುವಾಗ ಒಳಕ್ಕೆ ಎಳೆದುಕೊಳ್ಳುವ ವಿಲೋಮ ಕ್ರಮವೂ ಈ ಪರಂಪರೆಯಲ್ಲಿದೆ, ಆದರೆ ಹೊಸಬರಿಗೆ ಅವರು ಅದನ್ನು ಹೇಳಿಕೊಡುವುದಿಲ್ಲ. ಬಾಲ್ಯದಲ್ಲಿ ಪ್ರಾಣಾಯಾಮ ಮಾಡಿ ಬಂದ ನಮ್ಮವರು ಇಲ್ಲಿ ಸ್ವಲ್ಪ ಎಚ್ಚರ ವಹಿಸಬೇಕು: ಉಸಿರನ್ನು ಎಣಿಸುವ, ಕುಂಭಕದಲ್ಲಿ ಹಿಡಿದು ನಿಲ್ಲಿಸುವ ಅಭ್ಯಾಸವನ್ನು ಇದರೊಳಕ್ಕೆ ತಂದರೆ ಚಲನೆಯ ಹರಿವು ಕಡಿದುಹೋಗುತ್ತದೆ, ಎದೆ ಬಿಗಿಯುತ್ತದೆ. ಮೈಸೂರಿನಲ್ಲಿ ಯೋಗ ಕಲಿತು ಚೀನಾದ ನಗರಗಳಲ್ಲಿ ಪಾಠ ಹೇಳುತ್ತಿರುವ ನಮ್ಮ ಶಿಕ್ಷಕರು ಈಗ ಹಲವರಿದ್ದಾರೆ. ಅವರಲ್ಲಿ ಬಿಡುವಿದ್ದವರು ಇಂಥ ತರಗತಿಯೊಂದರಲ್ಲಿ ಕೆಲಕಾಲ ವಿದ್ಯಾರ್ಥಿಗಳಾಗಿ ನಿಲ್ಲಬೇಕೆಂಬುದು ನನ್ನ ಆಸೆ. ಆಸನದಲ್ಲಿ ನಾವು ಸ್ಥಿರತೆಯನ್ನು ಅರಸುತ್ತೇವೆ. ಇಲ್ಲಿ ಒಂದು ಭಂಗಿಯಿಂದ ಇನ್ನೊಂದಕ್ಕೆ ಸಾಗುವ ದಾರಿಯೇ ಅಭ್ಯಾಸ.

ಇನ್ನು ‘ಚಿ’ಯ ವಿಷಯ. ಪ್ರತಿ ಪಾಠದ ಕೊನೆಯಲ್ಲಿ ಎರಡೂ ಅಂಗೈಗಳನ್ನು ಒಂದರ ಮೇಲೊಂದಿಟ್ಟು ಹೊಕ್ಕುಳ ಕೆಳಗಿನ ದಾನ್‌ತಿಯನ್ ಭಾಗದ ಮೇಲೆ ಇರಿಸಿ, ಕಣ್ಣು ಮುಚ್ಚಿ ನಿಲ್ಲುವುದು ರೂಢಿ. ಹೀಗೆ ನಿಂತಾಗ ಅಂಗೈ ಬೆಚ್ಚಗಾಗುವುದು, ಬೆರಳ ತುದಿಗಳು ಜುಮ್ಮೆನ್ನುವುದು, ಕೈಗಳ ನಡುವೆ ಏನೋ ತುಂಬಿಕೊಂಡಂತಾಗುವುದು ಬಹುತೇಕ ಎಲ್ಲರ ಅನುಭವ. ಹೊಸ ವಿದ್ಯಾರ್ಥಿಯೊಬ್ಬರು ಇದೇ ಚಿಯೇ ಎಂದು ಉತ್ಸಾಹದಿಂದ ಕೇಳಿದಾಗ ಗುರುಗಳು ಹೌದೆಂದೂ ಹೇಳಲಿಲ್ಲ, ಅಲ್ಲವೆಂದೂ ಹೇಳಲಿಲ್ಲ. ಬಂದರೆ ಬರಲಿ, ಹುಡುಕಿಕೊಂಡು ಹೋಗಬೇಡಿ, ಭುಜ ಇಳಿಸಿ ಎಂದರು. ದೇಹ ಸಡಿಲಗೊಂಡಾಗ ಕೈಗಳ ರಕ್ತನಾಳಗಳು ಹಿಗ್ಗಿ ಬಿಸಿ ಹೆಚ್ಚುತ್ತದೆ ಎಂಬ ವೈದ್ಯಕೀಯ ವಿವರಣೆಯೂ ಇದೆ, ನನಗೆ ಅದು ಒಪ್ಪಿತವೇ. ಆದರೆ ಅನುಭವವನ್ನು ಬೆನ್ನಟ್ಟದೆ ಭಂಗಿಯನ್ನು ಕಾಯ್ದುಕೊಳ್ಳುವ ಶಿಸ್ತು ಯಾವ ವಿವರಣೆಯನ್ನು ಒಪ್ಪಿದರೂ ಬೇಕಾದದ್ದು. ಚಿಯನ್ನು ಬೆಳೆಸುವುದೆಂದರೆ ಅದು ನೆಲೆನಿಲ್ಲಬಲ್ಲ ದೇಹವನ್ನು ಮೊದಲು ಸಿದ್ಧಗೊಳಿಸುವುದು ಎಂಬ ಅವರ ನಿಲುವಿನಲ್ಲಿಯೇ ಈ ತರಗತಿಯ ಶ್ರೇಷ್ಠತೆ ಅಡಗಿದೆ.

ಅದೇ ಸಂಸ್ಥೆ ವಾರಾಂತ್ಯದಲ್ಲಿ ಮಾರುವ ‘ಉನ್ನತ’ ಪಾಠ ಇದಕ್ಕೆ ತದ್ವಿರುದ್ಧ. ಅಲ್ಲಿನ ಶಿಕ್ಷಕರು ಬೇರೆ, ಶುಲ್ಕ ಹಲವು ಪಟ್ಟು ಹೆಚ್ಚು. ಬೆನ್ನಹುರಿಯ ಮೂಲಕ ಚಿಯನ್ನು ನೆತ್ತಿಗೇರಿಸಿ, ಮುಂಭಾಗದಿಂದ ದಾನ್‌ತಿಯನ್‌ಗೆ ಇಳಿಸುವ ‘ಲಘು ಖಗೋಳ ಪರಿಕ್ರಮ’ವನ್ನು ಎರಡು ದಿನಗಳಲ್ಲಿ ತೆರೆದುಕೊಡುವುದಾಗಿಯೂ, ಶಿಕ್ಷಕರೇ ತಮ್ಮ ಅಂಗೈಯಿಂದ ಚಿಯನ್ನು ಹರಿಸಿ ಹಳೆಯ ಕಾಯಿಲೆಗಳನ್ನು ಶಮನ ಮಾಡುವುದಾಗಿಯೂ ಕರಪತ್ರ ಹೇಳುತ್ತದೆ. ದಾವ್ (ತಾವೋ) ಪಂಥದ ಸಾಧಕರು ವರ್ಷಗಟ್ಟಲೆ ಮಾಡುತ್ತಿದ್ದ ಸಾಧನೆಯನ್ನು ಶನಿವಾರ-ಭಾನುವಾರಗಳಿಗೆ ಇಳಿಸಿರುವುದು ನನ್ನ ಮೊದಲ ಆಕ್ಷೇಪ. ಎರಡನೆಯದು ಇನ್ನೂ ಗಂಭೀರ: ನಿಂತು ಅಲುಗಾಡದ ದೇಹವೂ ಹದಗೊಂಡ ಉಸಿರೂ ಇಲ್ಲದವರನ್ನು ಗಂಟೆಗಟ್ಟಲೆ ಒಳಗಿನ ಸಂವೇದನೆಗಳ ಮೇಲೆ ಮನಸ್ಸನ್ನು ಕೀಲಿಸಲು ಹಚ್ಚುವುದು ಅಪಾಯವಿಲ್ಲದ ಕೆಲಸವಲ್ಲ. ಚೀನೀಯರು ಇದನ್ನು ಹಿಂದಿನಿಂದಲೂ ಬಲ್ಲರು. ಅಡ್ಡದಾರಿ ಹಿಡಿದ ಅಭ್ಯಾಸದಿಂದ ಬರುವ ಚಿತ್ತವಿಕಾರಕ್ಕೆ ಅವರಲ್ಲಿ ‘ಝೌಹುವೊ ರೂಮೊ’ ಎಂಬ ಹೆಸರೇ ಇದೆ. ಅಮೆರಿಕದ ಮನೋವೈದ್ಯರ ಸಂಘ 1994ರಲ್ಲಿ ಪ್ರಕಟಿಸಿದ ರೋಗವರ್ಗೀಕರಣದ ನಾಲ್ಕನೆಯ ಆವೃತ್ತಿಯೂ ಚಿಗಾಂಗ್‌ನಿಂದ ಉಂಟಾಗುವ ಮನೋವಿಕಾರವನ್ನು ತನ್ನ ಅನುಬಂಧದ ಪಟ್ಟಿಯಲ್ಲಿ ಸೇರಿಸಿತ್ತು.

ಅಂಗೈಯಿಂದ ಚಿ ಹರಿಸುವ ಮಾತಿಗೂ ಒಂದು ಇತಿಹಾಸವಿದೆ. 1979ರಲ್ಲಿ ಸಿಚುವಾನ್‌ನ ಬಾಲಕನೊಬ್ಬ ಕಿವಿಯಿಂದ ಅಕ್ಷರ ಓದುತ್ತಾನೆಂಬ ಸುದ್ದಿ ಪತ್ರಿಕೆಯಲ್ಲಿ ಬಂದ ನಂತರ ಅತೀಂದ್ರಿಯ ಶಕ್ತಿಯ ಮೇಲಿನ ಕುತೂಹಲ ದೇಶವ್ಯಾಪಿಯಾಗಿ, 1980ರ ದಶಕದ ಚಿಗಾಂಗ್ ಜ್ವರದಲ್ಲಿ ಅದು ಬೆರೆತುಹೋಯಿತು; ಕ್ರೀಡಾಂಗಣ ತುಂಬಿದ ಜನರಿಗೆ ವೇದಿಕೆಯಿಂದ ಚಿಯನ್ನು ರವಾನಿಸುವುದಾಗಿ ಹೇಳುವ ಉಪನ್ಯಾಸಗಳು ನಡೆದವು. ಕ್ಷಿಪಣಿ ವಿಜ್ಞಾನಿ ಚಿಯಾನ್ ಷುಯೆಸೆನ್ ಅಂಥವರು ಈ ಸಂಶೋಧನೆಗೆ ಬೆಂಬಲ ಕೊಟ್ಟರೆ, ಭೌತವಿಜ್ಞಾನಿ ಹೆ ಝುವೊಷಿಯೂ ಕಟುವಾಗಿ ವಿರೋಧಿಸಿದರು. 1990ರ ದಶಕದ ಕೊನೆಗೆ ಸರ್ಕಾರ ಬಿಗಿಯಾದ ಕ್ರಮ ಕೈಗೊಂಡು ಅನೇಕ ಪಂಥಗಳ ಚಟುವಟಿಕೆ ನಿಂತಿತು. 2003ರ ಸರಣಿಗಳು ರೂಪುಗೊಂಡದ್ದು ಈ ಹಿನ್ನೆಲೆಯಲ್ಲಿ. ಅವುಗಳಲ್ಲಿ ಪವಾಡದ ಭರವಸೆಗೆ ಜಾಗವಿಲ್ಲದಿರುವುದು ಆಕಸ್ಮಿಕವಲ್ಲ. ಕಾಯಿಲೆಯಿಂದ ಬಳಲಿದವರ ಆಸೆಯನ್ನು ಬಂಡವಾಳ ಮಾಡಿಕೊಳ್ಳುವ ಪಾಠವನ್ನು ಅದೇ ಬಾದುವಾನ್‌ಜಿನ್‌ನ ಪಕ್ಕದಲ್ಲಿಟ್ಟು ಮಾರುವುದನ್ನು ನೋಡಿ ನನಗೆ ನಿಜವಾಗಿಯೂ ನೋವಾಗಿದೆ.

ಈ ಬಗೆಯ ನಿಧಾನ ಚಲನೆಗಳಿಂದ ಏನು ನಿರೀಕ್ಷಿಸಬಹುದು ಎಂಬುದಕ್ಕೆ ಹತ್ತಿರದ ಬಂಧುವಾದ ತಾಯ್‌ಚಿಯ ಮೇಲೆ ನಡೆದಿರುವ ಅಧ್ಯಯನಗಳು ಒಳ್ಳೆಯ ಅಳತೆಗೋಲು. ಪಾರ್ಕಿನ್ಸನ್ ಕಾಯಿಲೆಯಿದ್ದ 195 ಮಂದಿಯ ಮೇಲೆ ನಡೆದು, 2012ರಲ್ಲಿ ನ್ಯೂ ಇಂಗ್ಲೆಂಡ್ ಜರ್ನಲ್ ಆಫ್ ಮೆಡಿಸಿನ್‌ನಲ್ಲಿ ಪ್ರಕಟವಾದ ಅಧ್ಯಯನದಲ್ಲಿ, ತಾಯ್‌ಚಿ ಮಾಡಿದವರ ದೇಹದ ಸಮತೋಲ ಸುಧಾರಿಸಿತ್ತು. ಬರಿಯ ಸ್ಟ್ರೆಚಿಂಗ್ ಮಾಡಿದವರಿಗಿಂತ ಅವರು ಬೀಳುವುದೂ ಕಡಿಮೆಯಾಗಿತ್ತು. ನನ್ನ ಮಟ್ಟಿಗೆ ಬಾದುವಾನ್‌ಜಿನ್ ಕೊಟ್ಟಿರುವುದೂ ಇದೇ ಜಾತಿಯ ಫಲ: ಕಾಲಿನ ಬಲ, ಸಡಿಲವಾದ ಕುತ್ತಿಗೆ, ಸಂಜೆಯ ಹೊತ್ತಿಗೂ ಉಳಿದಿರುವ ಗಮನ. ಔಷಧಿಗೆ ಬದಲಾಗಿ ಇದನ್ನು ಹಿಡಿಯುವ ಯೋಚನೆ ಯಾರಿಗೂ ಬೇಡ, ಗುರುಗಳೂ ಅದನ್ನು ಒಪ್ಪುವುದಿಲ್ಲ.

ತರಗತಿಯ ವ್ಯವಸ್ಥೆ ಸಾಧಾರಣ. ಕೊಠಡಿ ಸ್ವಚ್ಛವಾಗಿದೆ, ನೆಲ ಮರದ್ದು, ತೆಳು ಅಡಿಯ ಬಟ್ಟೆ ಶೂ ಸಾಕು. ಬೀಜಿಂಗ್‌ನಲ್ಲಿ ಕಟ್ಟಡಗಳಿಗೆ ನವೆಂಬರ್ 15ರಿಂದ ಮಾರ್ಚ್ 15ರವರೆಗೆ ನಗರವೇ ಬಿಸಿ ಪೂರೈಸುತ್ತದೆ. ಈ ಕೊಠಡಿಯಲ್ಲಿ ಅದು ಅತಿಯಾಗಿ, ಬೆವರಿದ ಮೈಯಲ್ಲಿ ಶೀತಗಾಳಿಗೆ ಹೊರಬೀಳಬೇಕಾಗುತ್ತದೆ. ಅಭ್ಯಾಸದ ನಂತರ ಗಾಳಿಗೆ ಒಡ್ಡಿಕೊಳ್ಳಬಾರದೆಂಬ ನಿಯಮವನ್ನು ಕಲಿಸುವ ಕಡೆಯೇ ಬಟ್ಟೆ ಬದಲಿಸಲು ಜಾಗ ಕೊಡದಿರುವುದು ದೊಡ್ಡ ಕೊರತೆ. ಪಾಠ ಪೂರ್ತಿ ಚೀನೀ ಭಾಷೆಯಲ್ಲಿ ನಡೆಯುತ್ತದೆ, ಆದರೂ ಗುರುಗಳು ಕೈಯಿಂದ ಮುಟ್ಟಿ ತಿದ್ದುವುದರಿಂದ ಭಾಷೆ ಅಷ್ಟಾಗಿ ಅಡ್ಡಬರದು. ಶುಲ್ಕವನ್ನು ತಿಂಗಳಿಗೊಮ್ಮೆ ಕೊಡುವುದು ಕ್ಷೇಮ. ವರ್ಷದ ಕಾರ್ಡಿಗೆ ರಿಯಾಯಿತಿ ಎಂದು ಕೌಂಟರಿನವರು ಒತ್ತಾಯಿಸುತ್ತಾರೆ, ಅದರ ಜೊತೆಗೆ ವಾರಾಂತ್ಯದ ಪಾಠವೂ ಸೇರಿಕೊಂಡಿರುತ್ತದೆ.

ಚಲನೆಗಳು ಒಂದು ಹಂತಕ್ಕೆ ಬಂದ ಮೇಲೆ ಉದ್ಯಾನದೊಳಗೇ ಅಭ್ಯಾಸ ಮಾಡುವುದು ಉತ್ತಮ. 1420ರಲ್ಲಿ ಕಟ್ಟಿ ಮುಗಿಸಿದ ದೇಗುಲದ ಸುತ್ತ 273 ಹೆಕ್ಟೇರ್ ಹರಡಿರುವ ಆವರಣದ ಹಳೆಯ ಸೈಪ್ರೆಸ್ ಮರಗಳ ಕೆಳಗೆ ಬೆಳಗಿನ ಹೊತ್ತು ಹಲವು ಗುಂಪುಗಳು ಸಣ್ಣ ಸ್ಪೀಕರಿನಲ್ಲಿ ಇದೇ ಸರಣಿಯ ಧ್ವನಿಮುದ್ರಣ ಹಾಕಿಕೊಂಡು ನಿಂತಿರುತ್ತವೆ, ಅಪರಿಚಿತರು ಹಿಂದಿನ ಸಾಲಿನಲ್ಲಿ ಸೇರಿಕೊಂಡರೆ ಬೇಡವೆನ್ನುವವರಿಲ್ಲ, ತಿಂಗಳ ಪಾಸ್ ಮಾಡಿಸಿಕೊಂಡರೆ ಖರ್ಚೂ ಹೆಚ್ಚಿಲ್ಲ. ತರಗತಿಗೆ ಹೆಸರು ಬರೆಸುವವರು ಹಿರಿಯ ಗುರುಗಳ ಬೆಳಗಿನ ತಂಡವೇ ಬೇಕೆಂದು ಕೇಳಿ, ಒಂದು ಪಾಠವನ್ನು ಕುಳಿತು ನೋಡಿದ ಮೇಲೆ ಹಣ ಕೊಡಿ. ಸಂಜೆಯ ತಂಡವನ್ನು ನಡೆಸುವವರು ಬೇರೆ, ಮತ್ತು ಅಲ್ಲಿ ಗೋಡೆಗೆ ಬೆನ್ನು ಕೊಟ್ಟು ನಿಲ್ಲಿಸಿ ನೋಡುವ ಕ್ರಮವಿಲ್ಲ.