ಫ್ರ್ಯಾಂಕ್, ಬಾಖ್ತಿನ್, ಮೊಚುಲ್ಸ್ಕಿ, ಆನ್ನಾ: ದಸ್ತಯೇವ್ಸ್ಕಿ ಕುರಿತ ನಾಲ್ಕು ಪುಸ್ತಕಗಳ ಹೋಲಿಕೆ

ಕಳೆದ ಮೂರು ವರ್ಷಗಳಲ್ಲಿ ಫ್ಯೋದರ್ ದಸ್ತಯೇವ್ಸ್ಕಿಯ ಬದುಕು ಮತ್ತು ಬರಹದ ಕುರಿತಾದ ನಾಲ್ಕು ಪುಸ್ತಕಗಳನ್ನು, ಅವನ ಕಾದಂಬರಿಗಳನ್ನು ಮಗ್ಗುಲಲ್ಲೇ ಇಟ್ಟುಕೊಂಡು, ಓದಿದ್ದೇನೆ. ಅಮೆರಿಕದ ವಿದ್ವಾಂಸ ಜೋಸೆಫ್ ಫ್ರ್ಯಾಂಕ್ ಅವರ ಐದು ಸಂಪುಟಗಳ ಜೀವನಚರಿತ್ರೆ, ಮಿಖಾಯಿಲ್ ಬಾಖ್ತಿನ್ ಅವರ ವಿಮರ್ಶಾಗ್ರಂಥ, ಪ್ಯಾರಿಸ್ಸಿನಲ್ಲಿ ನೆಲೆಸಿದ್ದ ರಷ್ಯನ್ ವಿದ್ವಾಂಸ ಕಾನ್‌ಸ್ತಾಂತಿನ್ ಮೊಚುಲ್ಸ್ಕಿ ಅವರ ಅಧ್ಯಯನ ಮತ್ತು ಲೇಖಕನ ಎರಡನೆಯ ಹೆಂಡತಿ ಆನ್ನಾ ಗ್ರಿಗೋರ್ಯೆವ್ನಾ ಬರೆದ ನೆನಪುಗಳು, ಇವೇ ಆ ನಾಲ್ಕು. ರಷ್ಯನ್ ಬಾರದ ಕಾರಣ ಎಲ್ಲವನ್ನೂ ಇಂಗ್ಲಿಷಿನ ಮೂಲಕವೇ ಓದಬೇಕಾಯಿತು. ಇವುಗಳಲ್ಲಿ ಯಾವುದು ಹೆಚ್ಚು ತಿಳಿಸುತ್ತದೆ ಎಂಬುದಕ್ಕಿಂತ, ಯಾವುದನ್ನು ಮುಚ್ಚಿಟ್ಟು ಕಾದಂಬರಿಗೆ ಮರಳಿದಾಗ ಮೊದಲು ಕೇಳಿಸದಿದ್ದದ್ದು ಕೇಳಿಸುತ್ತದೆ ಎಂಬುದೇ ನನ್ನ ಪ್ರಶ್ನೆಯಾಗಿತ್ತು. ಅದಕ್ಕಾಗಿ ಮೂರು ಜಾಗಗಳನ್ನು ಗುರುತು ಮಾಡಿಕೊಂಡೆ: 1864ರಲ್ಲಿ ಪ್ರಕಟವಾದ 'ನೆಲಮಾಳಿಗೆಯ ಟಿಪ್ಪಣಿಗಳು' ಎಂಬ ಕಿರುಕಾದಂಬರಿ, 1839ರಲ್ಲಿ ಸಂಭವಿಸಿದ ಅವನ ತಂದೆಯ ಸಾವು, ಮತ್ತು 'ಕರಮಜೋವ್ ಸಹೋದರರು' ಕಾದಂಬರಿಯಲ್ಲಿ ಮಗುವನ್ನು ಕಳೆದುಕೊಂಡ ತಾಯಿಯೊಬ್ಬಳು ಹಿರಿಯ ಸಂನ್ಯಾಸಿ ಜೊಸಿಮಾನ ಮುಂದೆ ಬಂದು ನಿಲ್ಲುವ ದೃಶ್ಯ.

'ನೆಲಮಾಳಿಗೆಯ ಟಿಪ್ಪಣಿಗಳು' ಕೃತಿಯ ವಿಷಯದಲ್ಲಿ ಫ್ರ್ಯಾಂಕ್ ಮತ್ತು ಬಾಖ್ತಿನ್ ಎದುರುಬದುರಾಗಿ ನಿಲ್ಲುತ್ತಾರೆ. ನಾನು ಈ ಕೃತಿಯನ್ನು ಮೊದಲು ಓದಿದ್ದು ಕಾಲೇಜಿನಲ್ಲಿ. ಎಲ್ಲ ಕಾಲದ, ಎಲ್ಲ ದೇಶದ ಒಂಟಿ ಮನುಷ್ಯನ ಅಳಲು ಇದು ಎಂದು ಆಗ ನಂಬಿದ್ದೆ. ಫ್ರ್ಯಾಂಕ್ ಅವರ ಮೂರನೆಯ ಸಂಪುಟ ಆ ನಂಬಿಕೆಯನ್ನು ಬುಡಸಹಿತ ಅಲುಗಾಡಿಸಿತು. ಕ್ರಾಂತಿವಾದಿ ಚಿಂತಕ ನಿಕೊಲಾಯ್ ಚೆರ್ನಿಶೆವ್ಸ್ಕಿ ಪೀಟರ್ಸ್‌ಬರ್ಗಿನ ಕೋಟೆಯ ಸೆರೆಯಲ್ಲಿದ್ದುಕೊಂಡೇ ಬರೆದು 1863ರಲ್ಲಿ ಪ್ರಕಟಿಸಿದ 'ಏನು ಮಾಡಬೇಕು?' ಎಂಬ ಕಾದಂಬರಿಗೆ ಇದು ಸಾಲುಸಾಲಾಗಿ ಕೊಟ್ಟ ಉತ್ತರ ಎಂಬುದನ್ನು ಅವರು ತಾಳ್ಮೆಯಿಂದ ತೋರಿಸುತ್ತಾರೆ. ಚೆರ್ನಿಶೆವ್ಸ್ಕಿಯ ನಾಯಕ ರಸ್ತೆಯಲ್ಲಿ ದೊಡ್ಡ ಮನುಷ್ಯನೊಬ್ಬನಿಗೆ ದಾರಿ ಬಿಡದೆ ಅವನನ್ನೇ ಚರಂಡಿಗೆ ಕೆಡವಿ ಮುಂದೆ ಹೋಗುತ್ತಾನೆ. ದಸ್ತಯೇವ್ಸ್ಕಿಯ ನೆಲಮಾಳಿಗೆಯ ಮನುಷ್ಯ ಒಬ್ಬ ಅಧಿಕಾರಿಗೆ ದಾರಿ ಬಿಡದಿರಲು ವರ್ಷಗಟ್ಟಲೆ ತಯಾರಿ ನಡೆಸಿ, ಸಾಲ ಮಾಡಿ ಕೋಟಿಗೆ ಹೊಸ ಕಾಲರು ಕೊಂಡು, ಕೊನೆಗೊಮ್ಮೆ ಭುಜ ತಾಗಿಸುತ್ತಾನೆ. ಆ ಅಧಿಕಾರಿ ತಿರುಗಿಯೂ ನೋಡುವುದಿಲ್ಲ. ಆದರ್ಶ ಭವಿಷ್ಯದ ಸಂಕೇತವಾದ ಸ್ಫಟಿಕದ ಅರಮನೆಯ ಮಾತು, ಎರಡೆರಡಲ ನಾಲ್ಕು ಎಂಬ ಮಾತು, ವೇಶ್ಯೆಯ ಉದ್ಧಾರದ ಪ್ರಸಂಗ, ಎಲ್ಲಕ್ಕೂ ಆ ದಶಕದ ರಷ್ಯಾದಲ್ಲಿ ವಿಳಾಸವಿದೆ. ಫ್ರ್ಯಾಂಕ್ ಅವರ ಅತ್ಯಂತ ಸೂಕ್ಷ್ಮವಾದ ವಾದವೆಂದರೆ, ಈ ಮನುಷ್ಯ, ನಮ್ಮ ನಡೆಯೆಲ್ಲ ಪ್ರಕೃತಿನಿಯಮಕ್ಕೆ ಬದ್ಧ ಎಂಬ ಆ ಕಾಲದ ವೈಚಾರಿಕತೆಯನ್ನು ಬರಿದೆ ತಿರಸ್ಕರಿಸುತ್ತಿಲ್ಲ, ಅದನ್ನು ಬುದ್ಧಿಯಿಂದ ಪೂರ್ತಿ ಒಪ್ಪಿಕೊಂಡು ಅದರಂತೆಯೇ ಬದುಕಲು ಹೊರಟು ಹಾಸ್ಯಾಸ್ಪದನಾಗಿದ್ದಾನೆ ಎಂಬುದು. ಎಲ್ಲವೂ ಪ್ರಕೃತಿನಿಯಮವೇ ಆದರೆ ಕೆನ್ನೆಗೆ ಹೊಡೆದವನನ್ನು ಕ್ಷಮಿಸುವುದಕ್ಕೂ ಆಗದು, ಅವನ ಮೇಲೆ ಸೇಡು ತೀರಿಸಿಕೊಳ್ಳುವುದಕ್ಕೂ ಆಗದು, ಏಕೆಂದರೆ ಹೊಡೆದವನು ಯಾರೂ ಇಲ್ಲ. ಆದರೂ ಕೆನ್ನೆ ಉರಿಯುತ್ತದೆ. ಇದನ್ನು ತಿಳಿದ ಮೇಲೆ ಕೃತಿ ಚಿಕ್ಕದಾಯಿತೇ ಎಂದು ನನ್ನನ್ನೇ ಕೇಳಿಕೊಂಡೆ. ಇಲ್ಲ, ಅದರ ನೋವಿಗೆ ಒಂದು ನೆಲೆ ಸಿಕ್ಕಿತು.

ಬಾಖ್ತಿನ್ ಅವರಿಗೆ ಚೆರ್ನಿಶೆವ್ಸ್ಕಿ ಅಷ್ಟೇನೂ ಮುಖ್ಯವಲ್ಲ. 1929ರಲ್ಲಿ, ಅವರು ಬಂಧನದಲ್ಲಿದ್ದ ವರ್ಷದಲ್ಲೇ, ಮೊದಲ ರೂಪದಲ್ಲಿ ಪ್ರಕಟವಾಗಿ, 1963ರಲ್ಲಿ ಬಹಳಷ್ಟು ಬೆಳೆದು ಮತ್ತೆ ಹೊರಬಂದ ಅವರ ಪುಸ್ತಕ ಕಥೆಯ ಹಿಂದಿನ ಚರಿತ್ರೆಯನ್ನು ಬಿಟ್ಟು ಮಾತಿನ ಒಳಗಿನ ಓರೆನೋಟವನ್ನು ಹಿಡಿಯುತ್ತದೆ. ನಾನೊಬ್ಬ ರೋಗಿ ಎಂದು ಆರಂಭಿಸಿದವನು ತಕ್ಷಣ ತಡೆಯುತ್ತಾನೆ, ಸ್ವರ ಬದಲಿಸುತ್ತಾನೆ, ನಾನು ಕೆಟ್ಟವನು ಎನ್ನುತ್ತಾನೆ. ಆ ತಡೆಯಲ್ಲಿ ಏನಾಯಿತು? ಎದುರಿಗೆ ಕಾಣದ ಯಾರೋ ಅಯ್ಯೋ ಪಾಪ ಎಂದಾರೆಂಬ ಶಂಕೆ ಅವನಿಗೆ ಬಂದಿದೆ, ಆ ಕನಿಕರವನ್ನು ಅದು ಹುಟ್ಟುವ ಮುನ್ನವೇ ಹೊಸಕಿಹಾಕಲು ಅವನು ಧಾವಿಸಿದ್ದಾನೆ. ಇನ್ನೊಬ್ಬರು ತನ್ನ ಬಗ್ಗೆ ಕೊನೆಯ ಮಾತು ಆಡಿಬಿಡದಂತೆ ತಾನಾಡುವ ಪ್ರತಿ ಮಾತಿನಲ್ಲೂ ಒಂದು ನುಸುಳುದಾರಿಯನ್ನು ಉಳಿಸಿಕೊಳ್ಳುವ ಈ ಗುಣವನ್ನು ಬಾಖ್ತಿನ್ ತೋರಿಸಿಕೊಟ್ಟ ಮೇಲೆ ಅದು 'ಅಪರಾಧ ಮತ್ತು ಶಿಕ್ಷೆ'ಯ ರಾಸ್ಕೊಲ್ನಿಕೋವನಲ್ಲಿ, 'ಈಡಿಯಟ್' ಕಾದಂಬರಿಯ ನಸ್ತಾಸ್ಯಾ ಫಿಲಿಪ್ಪೊವ್ನಾಳಲ್ಲಿ, ಇವಾನ್ ಕರಮಜೋವನಲ್ಲಿ ಎಲ್ಲೆಲ್ಲೂ ಕಾಣಿಸತೊಡಗಿತು.

ಇಲ್ಲಿ ಕನ್ನಡದ ಓದುಗರಿಗೆ ಒಂದು ಅನುಕೂಲವಿದೆ. ಬಾಖ್ತಿನ್ ಬಳಸುವ 'ಸ್ಲೋವೊ' ಎಂಬ ರಷ್ಯನ್ ಪದಕ್ಕೆ ಶಬ್ದ ಎಂಬ ಅರ್ಥವೂ ಇದೆ, ಒಬ್ಬರು ಇನ್ನೊಬ್ಬರಿಗೆ ಆಡಿದ್ದು ಎಂಬ ಅರ್ಥವೂ ಇದೆ. ಇಂಗ್ಲಿಷ್ ಅನುವಾದವು ಇದಕ್ಕೆ ಎರಡು ಬೇರೆ ಬೇರೆ ಪದಗಳನ್ನು ಹುಡುಕಿಕೊಳ್ಳಬೇಕಾಯಿತು. ನಮ್ಮ 'ಮಾತು' ಎಂಬ ಒಂದೇ ಪದ ಎರಡನ್ನೂ ಹೊರುತ್ತದೆ. ಕ್ಯಾರಿಲ್ ಎಮರ್ಸನ್ ಅವರ 1984ರ ಅನುವಾದದಲ್ಲಿ ಬಿಗಿಯಾಗಿ ಕಂಡ ಪುಟಗಳು, ಆ ಪದ ಬಂದಲ್ಲೆಲ್ಲ ಮಾತು ಎಂದು ಅಂಚಿನಲ್ಲಿ ಬರೆದುಕೊಂಡು ಓದಿದಾಗ, ನನಗೆ ಸಡಿಲವಾದವು. ಬಹುಧ್ವನಿ ಎಂಬ ಪರಿಕಲ್ಪನೆಯನ್ನು ನಮ್ಮ ವಿಮರ್ಶೆ ಎಷ್ಟೋ ಕಾಲದಿಂದ ಬಳಸುತ್ತಿದೆ, ಆದರೆ ಹಲವು ಪಾತ್ರಗಳಿವೆ ಎಂಬಷ್ಟೇ ಅರ್ಥದಲ್ಲಿ ಅದನ್ನು ಬಳಸಿದರೆ ಬಾಖ್ತಿನ್ ಅವರಿಗೆ ಅನ್ಯಾಯವಾಗುತ್ತದೆ. ಪಾತ್ರವು ಲೇಖಕನಿಗೆ ಸರಿಸಮನಾಗಿ ನಿಂತು, ಅವನೂ ಮುಗಿಸಲಾಗದ ಮಾತನ್ನು ಆಡಬಲ್ಲದು ಎಂಬುದು ಅವರ ವಾದದ ತಿರುಳು. ನಾಲ್ಕನೆಯ ಅಧ್ಯಾಯದಲ್ಲಿ ಪ್ರಾಚೀನ ಗ್ರೀಕ್ ವಿಡಂಬನೆ ಮತ್ತು ಜಾತ್ರೆಯ ಪರಂಪರೆಯ ಕುರಿತು ಅವರು ಸೇರಿಸಿದ ದೀರ್ಘ ಚರ್ಚೆಯಲ್ಲಿ ಮಾತ್ರ ದಸ್ತಯೇವ್ಸ್ಕಿ ದೂರವಾಗುತ್ತಾನೆಂದು ನನಗೆ ಅನಿಸಿತು. ಮೊದಲ ಓದಿನಲ್ಲಿ ಆ ಭಾಗವನ್ನು ದಾಟಿ ಕೊನೆಯ ಅಧ್ಯಾಯಕ್ಕೆ ಹೋದರೆ ನಷ್ಟವಿಲ್ಲ.

ಮೊಚುಲ್ಸ್ಕಿ ಅವರ ಪುಸ್ತಕ 1947ರಲ್ಲಿ ಪ್ಯಾರಿಸ್ಸಿನಲ್ಲಿ ರಷ್ಯನ್ ಭಾಷೆಯಲ್ಲಿ ಪ್ರಕಟವಾಯಿತು, 1967ರಲ್ಲಿ ಇಂಗ್ಲಿಷಿಗೆ ಬಂತು. ಬದುಕು ಮತ್ತು ಕೃತಿ ಒಂದೇ ಸಂಪುಟದಲ್ಲಿ ಹೆಣೆದುಕೊಂಡು ಸಾಗುವ ಪುಸ್ತಕ ಬೇಕೆಂದರೆ ಇಂದಿಗೂ ಇದನ್ನೇ ಹೇಳುತ್ತೇನೆ. 'ಈಡಿಯಟ್' ಕಾದಂಬರಿಯ ಮೊದಲ ಕರಡುಗಳಲ್ಲಿ ನಾಯಕನು ಸಾಧುವಲ್ಲ, ಗರ್ವಿಷ್ಠ, ಉದ್ರೇಕಿ ಎಂಬುದನ್ನು ಲೇಖಕನ ಟಿಪ್ಪಣಿ ಪುಸ್ತಕಗಳಿಂದ ತೆಗೆದು ತೋರಿಸುವ ಪುಟಗಳು ಬಹಳ ಚೆನ್ನಾಗಿವೆ. ಆದರೆ ನಂಬಿಕೆಯಿಂದ ಬರೆದ ಪುಸ್ತಕವಿದು. ಎಲ್ಲ ಕೃತಿಗಳೂ 'ಕರಮಜೋವ್ ಸಹೋದರರು' ಎಂಬ ಶಿಖರಕ್ಕೆ ಏರುವ ಮೆಟ್ಟಿಲುಗಳಾಗಿಬಿಡುತ್ತವೆ. ನೆಲಮಾಳಿಗೆಯ ಮನುಷ್ಯನಿಗೂ ಅಲ್ಲಿ ಒಂದು ಮೆಟ್ಟಿಲಿನ ಸ್ಥಾನವೇ ಸಿಗುತ್ತದೆ. ಅವನ ಕೆಡುಕು ಮತ್ತು ನಗು ಎರಡೂ ಆ ಏರಿಕೆಯಲ್ಲಿ ತೆಳುವಾಗುತ್ತವೆ.

ತಂದೆಯ ಸಾವಿನ ವಿಷಯದಲ್ಲಿ ಹೋಲಿಕೆ ಸುಲಭ, ಏಕೆಂದರೆ ಇಲ್ಲಿ ಫ್ರ್ಯಾಂಕ್ ಅವರಿಗೆ ಸಮನಾದವರಿಲ್ಲ. ವೈದ್ಯನಾಗಿದ್ದ ತಂದೆ ಮಿಖಾಯಿಲ್ ಅಂದ್ರೆಯೇವಿಚ್ ತನ್ನ ಹಳ್ಳಿಯಲ್ಲಿ ಸತ್ತಾಗ ಅಧಿಕೃತ ವಿಚಾರಣೆ ಲಕ್ವವೇ ಕಾರಣವೆಂದು ದಾಖಲಿಸಿತು. ಜೀತದಾಳುಗಳು ಕೊಂದರೆಂಬ ಮಾತು ಕುಟುಂಬದಲ್ಲಿ ಉಳಿಯಿತು. 1928ರ ತಮ್ಮ ಪ್ರಬಂಧದಲ್ಲಿ ಸಿಗ್ಮಂಡ್ ಫ್ರಾಯ್ಡ್ ಈ ಕೊಲೆಯನ್ನೇ ದಸ್ತಯೇವ್ಸ್ಕಿಯ ಮೂರ್ಛೆರೋಗಕ್ಕೂ, ಪಿತೃಹತ್ಯೆಯ ಕಥೆಯುಳ್ಳ ಕೊನೆಯ ಕಾದಂಬರಿಗೂ ಕೀಲಿಕೈ ಮಾಡಿದರು. ತಂದೆಯ ಸಾವನ್ನು ಒಳಗೇ ಬಯಸಿದ್ದಕ್ಕೆ ಮೂರ್ಛೆ ತನಗೆ ತಾನೇ ಕೊಟ್ಟುಕೊಂಡ ಶಿಕ್ಷೆ, ರಾಜಕೀಯ ಅಪರಾಧಕ್ಕಾಗಿ ಅನುಭವಿಸಿದ ಸೈಬೀರಿಯದ ಸೆರೆವಾಸವೇ ಶಿಕ್ಷೆಯಾದ್ದರಿಂದ ಅಲ್ಲಿ ಮೂರ್ಛೆ ನಿಂತಿರಬೇಕು ಎಂಬತ್ತ ಆ ತರ್ಕ ವಾಲುತ್ತದೆ. ಆದರೆ ಬಿಡುಗಡೆಯಾದ ಮೇಲೆ 1854ರಲ್ಲಿ ಅಣ್ಣನಿಗೆ ಬರೆದ ಪತ್ರದಲ್ಲಿ ದಸ್ತಯೇವ್ಸ್ಕಿ ಸೆರೆಯಲ್ಲಿ ತನಗೆ ಮೂರ್ಛೆ ಬಂದದ್ದನ್ನು ತಾನೇ ಹೇಳಿಕೊಂಡಿದ್ದಾನೆ. ಮೊದಲ ಸಂಪುಟದ ಅನುಬಂಧದಲ್ಲಿ ಫ್ರ್ಯಾಂಕ್ ಇಂಥ ಒಂದೊಂದೇ ಎಳೆಯನ್ನು ಬಿಡಿಸುತ್ತಾರೆ. ದನಿ ಎಲ್ಲಿಯೂ ಏರುವುದಿಲ್ಲ. ಮಹಾ ಮನಸ್ಸೊಂದು ತಪ್ಪು ಸಂಗತಿಗಳ ಮೇಲೆ ಎಷ್ಟು ಸುಂದರವಾದ ಕಟ್ಟಡವನ್ನು ಕಟ್ಟಬಲ್ಲದು ಎಂಬುದನ್ನು ನಾನು ಅಲ್ಲಿ ಕಲಿತೆ. ಅಲ್ಲಿಂದಾಚೆಗೆ ಯಾವ ಲೇಖಕನ ಬಾಲ್ಯದ ಕುರಿತ ಮನೋವಿಶ್ಲೇಷಣೆಯನ್ನೂ ದಿನಾಂಕಗಳನ್ನು ಜೋಡಿಸಿ ನೋಡದೆ ಒಪ್ಪಿಲ್ಲ.

ಫ್ರ್ಯಾಂಕ್ ಅವರ ಗಾತ್ರದ ಬಗ್ಗೆ ಒಂದು ಮಾತು. 1976ರಿಂದ 2002ರವರೆಗೆ ಪ್ರಕಟವಾದ ಐದು ಸಂಪುಟಗಳು ಸೇರಿ ಎರಡೂವರೆ ಸಾವಿರ ಪುಟಗಳಷ್ಟಾಗುತ್ತವೆ. 2010ರಲ್ಲಿ ಬಂದ ಸಂಕ್ಷಿಪ್ತ ಆವೃತ್ತಿ ಸಾವಿರ ಪುಟಗಳ ಹತ್ತಿರದಲ್ಲಿದೆ. ನಾನು ಎರಡನ್ನೂ ಪ್ರಯತ್ನಿಸಿದೆ. ಸಂಕ್ಷಿಪ್ತ ರೂಪದಲ್ಲಿ ಕಥನ ಚುರುಕಾಗಿದೆ, ಆದರೆ ಪತ್ರಿಕೆಗಳ ಜಗಳ, ಮರೆತುಹೋದ ವಿಮರ್ಶಕರ ವಾದ, ಅದೇ ವಾದ ಕಾದಂಬರಿಯ ಪಾತ್ರವೊಂದರ ಬಾಯಲ್ಲಿ ಮರುಹುಟ್ಟು ಪಡೆಯುವ ಬಗೆ, ಇಂಥ ವಿವರಗಳೇ ಈ ಚರಿತ್ರೆಯ ಜೀವ. ಅವು ಕುಗ್ಗಿದಾಗ ಇದು ಇತರ ಜೀವನಚರಿತ್ರೆಗಳ ಸಾಲಿಗೆ ಬಂದುಬಿಡುತ್ತದೆ. ಆದ್ದರಿಂದ ಐದನ್ನೂ ಓದುವ ಅವಕಾಶ ಇಲ್ಲದವರು ಸಂಕ್ಷಿಪ್ತವನ್ನು ಕೊಳ್ಳುವ ಬದಲು 1865ರಿಂದ 1871ರವರೆಗಿನ ನಾಲ್ಕನೆಯ ಸಂಪುಟವೊಂದನ್ನೇ ಕೊಳ್ಳಲಿ ಎಂಬುದು ನನ್ನ ದೃಢವಾದ ಅಭಿಪ್ರಾಯ. 'ಅಪರಾಧ ಮತ್ತು ಶಿಕ್ಷೆ', 'ಜೂಜುಕೋರ', 'ಈಡಿಯಟ್', 'ದೆವ್ವಗಳು' ನಾಲ್ಕೂ ಅದರಲ್ಲೇ ಇವೆ.

ಆ ಸಂಪುಟದ ಕಾಲಕ್ಕೇ ಆನ್ನಾ ಗ್ರಿಗೋರ್ಯೆವ್ನಾ ಕಥೆಯೊಳಗೆ ಬರುತ್ತಾಳೆ. 1866ರ ಅಕ್ಟೋಬರಿನಲ್ಲಿ, ಇಪ್ಪತ್ತರ ವಯಸ್ಸಿನ ಶೀಘ್ರಲಿಪಿಕಾರ್ತಿಯಾಗಿ ಆಕೆ ಕೆಲಸಕ್ಕೆ ಬಂದಾಗ, ದಸ್ತಯೇವ್ಸ್ಕಿ ನವೆಂಬರ್ 1ರೊಳಗೆ ಹೊಸ ಕಾದಂಬರಿಯನ್ನು ಕೊಡದಿದ್ದರೆ ಒಂಬತ್ತು ವರ್ಷಗಳ ಕಾಲ ಅವನ ಬರಹಗಳನ್ನು ಬಿಡಿಗಾಸೂ ಕೊಡದೆ ಅಚ್ಚು ಹಾಕುವ ಹಕ್ಕು ಪ್ರಕಾಶಕ ಸ್ತೆಲ್ಲೊವ್ಸ್ಕಿಗೆ ಹೋಗುವುದಿತ್ತು. ಇಪ್ಪತ್ತಾರು ದಿನಗಳಲ್ಲಿ 'ಜೂಜುಕೋರ' ಮುಗಿಯಿತು. ಕೊನೆಯ ದಿನ ಪ್ರಕಾಶಕ ಊರಲ್ಲಿಲ್ಲದ ಕಾರಣ ಹಸ್ತಪ್ರತಿಯನ್ನು ಪೊಲೀಸ್ ಠಾಣೆಯಲ್ಲಿ ರಸೀದಿ ಪಡೆದು ಒಪ್ಪಿಸಬೇಕಾಯಿತು. ಫ್ರ್ಯಾಂಕ್ ಅವರಲ್ಲಿ ಇದು ಕರಾರು, ಸಾಲ, ಗಡುವುಗಳ ಸ್ಪಷ್ಟ ಚಿತ್ರ. ಆನ್ನಾಳ ನೆನಪಿನಲ್ಲಿ ಇದು ದಾರಿಯಲ್ಲಿ ಗೊಸ್ತಿನಿ ದ್ವೋರ್ ಅಂಗಡಿಸಾಲಿನಲ್ಲಿ ಕೊಂಡ ಹೆಚ್ಚುವರಿ ಪೆನ್ಸಿಲುಗಳು, ರಾಸ್ಕೊಲ್ನಿಕೋವನ ಮನೆಯನ್ನು ನೆನಪಿಸಿದ ಬಾಡಿಗೆ ಕಟ್ಟಡ, ಮೊದಲ ದಿನ ಅವನ ಮುಖ ಕಂಡು ಆಕೆಗಾದ ಕಳವಳ.

ಆದರೂ ಆನ್ನಾಳನ್ನು ಎಚ್ಚರದಿಂದ ಓದಬೇಕು. ನೆನಪುಗಳನ್ನು ಆಕೆ ಬರೆಯಲು ಕುಳಿತದ್ದು 1911ರಲ್ಲಿ, ಗಂಡ ತೀರಿಕೊಂಡು ಮೂವತ್ತು ವರ್ಷಗಳಾದ ಮೇಲೆ. ಅವು ಪ್ರಕಟವಾದದ್ದು ಆಕೆಯೂ ತೀರಿಕೊಂಡ ಮೇಲೆ, 1925ರಲ್ಲಿ. 1867ರಲ್ಲಿ ವಿದೇಶದಲ್ಲಿದ್ದಾಗ ಶೀಘ್ರಲಿಪಿಯಲ್ಲಿ ಬರೆದಿಟ್ಟ ದಿನಚರಿಯಲ್ಲಿರುವ ಜಗಳ, ಕಣ್ಣೀರು, ಅಡವಿಟ್ಟ ಒಡವೆಗಳ ಕಹಿ ನೆನಪುಗಳಲ್ಲಿ ಮೆದುವಾಗಿದೆ. ಇದಕ್ಕಾಗಿ ಆಕೆಯನ್ನು ದೂರಲು ನನಗೆ ಮನಸ್ಸಿಲ್ಲ. ಗಂಡನ ಅಧಿಕೃತ ಜೀವನಚರಿತ್ರೆಯನ್ನು ಬರೆದ ವಿಮರ್ಶಕ ಸ್ತ್ರಾಖೋವ್, ಅದು ಪ್ರಕಟವಾದ 1883ರಲ್ಲೇ ಟಾಲ್‌ಸ್ಟಾಯ್‌ಗೆ ಗುಟ್ಟಾಗಿ ಪತ್ರ ಬರೆದು ದಸ್ತಯೇವ್ಸ್ಕಿಯನ್ನು ದುಷ್ಟನೆಂದು ಚಿತ್ರಿಸಿದ್ದು ಆಕೆಗೆ ತಿಳಿದದ್ದು ಆ ಪತ್ರ 1913ರಲ್ಲಿ ಪ್ರಕಟವಾದ ನಂತರವೇ. ಪುಸ್ತಕದ ಕೊನೆಯಲ್ಲಿ ಆಕೆ ಕೊಡುವ ಉತ್ತರದಲ್ಲಿ ಮುಪ್ಪಿನ ಹೆಣ್ಣೊಬ್ಬಳ ಕೋಪ ಮತ್ತು ಲೆಕ್ಕಪತ್ರ ಇಟ್ಟವಳ ನಿಖರತೆ ಒಟ್ಟಿಗಿವೆ. ಫ್ರ್ಯಾಂಕ್ ಅವರ ಸಮತೋಲನಕ್ಕಿಂತ ಆ ಪುಟಗಳೇ ನನ್ನಲ್ಲಿ ಹೆಚ್ಚು ಉಳಿದಿವೆ.

ಕೊನೆಯ ಜಾಗಕ್ಕೆ ಬಂದಾಗ ನಾಲ್ಕು ಪುಸ್ತಕಗಳ ಸ್ಥಾನ ಬದಲಾಯಿತು. 1878ರ ಮೇ ತಿಂಗಳಲ್ಲಿ ಆನ್ನಾ ಮತ್ತು ದಸ್ತಯೇವ್ಸ್ಕಿಯ ಮಗ ಅಲೆಕ್ಸೆಯ್, ಮನೆಯವರ ಅಲ್ಯೋಶಾ, ಮೂರ್ಛೆರೋಗದಿಂದ ತೀರಿಕೊಂಡ. ಮಗುವಿಗೆ ಆಗ ಮೂರು ತುಂಬಲು ಮೂರು ತಿಂಗಳಿದ್ದವು. ಮರುತಿಂಗಳೇ ದಸ್ತಯೇವ್ಸ್ಕಿ ತರುಣ ತತ್ತ್ವಜ್ಞಾನಿ ವ್ಲಾದಿಮಿರ್ ಸೊಲೊವ್ಯೋವ್ ಜೊತೆಗೆ ಆಪ್ತಿನಾ ಮಠಕ್ಕೆ ಹೋಗಿ ಹಿರಿಯ ಸಂನ್ಯಾಸಿ ಅಮ್ವ್ರೋಸಿಯನ್ನು ಕಂಡ. ಮೊಚುಲ್ಸ್ಕಿ ಈ ಪಯಣಕ್ಕೆ ಆಧ್ಯಾತ್ಮಿಕ ಅರ್ಥ ಕೊಡುತ್ತಾರೆ, ಫ್ರ್ಯಾಂಕ್ ಇದನ್ನು ಆ ದಶಕದ ಧಾರ್ಮಿಕ ಚರ್ಚೆಗಳೊಳಗೆ ಇಡುತ್ತಾರೆ. ಬಾಖ್ತಿನ್ ಅವರ ಪುಸ್ತಕದಲ್ಲಿ ಲೇಖಕನ ಮನೆಯ ಸಾವಿಗೆ ಜಾಗವಿಲ್ಲ, ಅವರ ವಿಧಾನಕ್ಕೆ ಅದು ಬೇಕಿಲ್ಲ. ಆನ್ನಾ ಮಾತ್ರ, ಆ ಸಂನ್ಯಾಸಿ ತನಗೆ ಹೇಳಿಕಳುಹಿಸಿದ ಸಮಾಧಾನದ ಮಾತುಗಳನ್ನೇ ಗಂಡ ಕಾದಂಬರಿಯಲ್ಲಿ ಜೊಸಿಮಾನ ಬಾಯಿಂದ ಆಡಿಸಿದ ಎಂದು ಸರಳವಾಗಿ ಬರೆಯುತ್ತಾಳೆ.

ಅದನ್ನು ಓದಿದ ರಾತ್ರಿ ಕಾದಂಬರಿಯ ಆ ಪುಟವನ್ನು ತೆಗೆದೆ. ಹಳ್ಳಿಯ ತಾಯಿ ತನ್ನ ಮಗುವಿನ ವಯಸ್ಸನ್ನು ಹೇಳುತ್ತಾಳೆ: ಮೂರು ವರ್ಷಕ್ಕೆ ಮೂರು ತಿಂಗಳು ಕಡಿಮೆ. ಹೆಸರೇನೆಂದು ಕೇಳಿದರೆ ಅಲೆಕ್ಸೆಯ್ ಎನ್ನುತ್ತಾಳೆ. ಎಷ್ಟೋ ಬಾರಿ ಕಣ್ಣಾಡಿಸಿದ್ದ ಸಾಲುಗಳವು. ಅವಳು ಎದೆಯಿಂದ ಮಗುವಿನ ಪುಟ್ಟ ಸೊಂಟಪಟ್ಟಿಯನ್ನು ಹೊರತೆಗೆದು ಅಳುವಲ್ಲಿಗೆ ಬಂದಾಗ ಮುಂದೆ ಓದಲಾಗದೆ ಪುಸ್ತಕವನ್ನು ಮಡಿಲಲ್ಲಿ ಮಗುಚಿಟ್ಟುಕೊಂಡು ಬಹಳ ಹೊತ್ತು ಕುಳಿತಿದ್ದೆ.