ನವಾಹೋ ಬೆಳ್ಳಿ ಕಡಗ: ಏಳು ವರ್ಷ ಧರಿಸಿದ ಮೇಲೆ

2018ರಲ್ಲಿ, ಅಮೆರಿಕದ ನ್ಯೂ ಮೆಕ್ಸಿಕೋ ರಾಜ್ಯದ ಅಲ್ಬುಕರ್ಕಿಗೆ ಬಂದು ನೆಲೆಸಿದ ಹೊಸತರಲ್ಲಿ, ಅದೇ ರಾಜ್ಯದ ಸಾಂಟಾ ಫೆಯ ಪ್ಯಾಲೆಸ್ ಆಫ್ ದಿ ಗವರ್ನರ್ಸ್ ಕಟ್ಟಡದ ಜಗಲಿಯಲ್ಲಿ ಬಟ್ಟೆ ಹಾಸಿ ಕುಳಿತಿದ್ದ, ಅಲ್ಲಿನ ಮೂಲನಿವಾಸಿಗಳಾದ ನವಾಹೋ ಜನರ ಅಕ್ಕಸಾಲಿಗರೊಬ್ಬರಿಂದ ಹರಳು ಕೂರಿಸಿದ ಈ ಕಡಗವನ್ನು 380 ಡಾಲರಿಗೆ ಕೊಂಡೆ. ತಾವೋ ತಮ್ಮ ಮನೆಯವರೋ ಮಾಡಿದ್ದನ್ನು, ಅದೂ ತಮ್ಮ ಗುರುತು ಒತ್ತಿದ್ದನ್ನು ಮಾತ್ರ ಅಲ್ಲಿ ಮಾರಬೇಕೆಂಬ ಕಟ್ಟಳೆಯಿರುವುದರಿಂದ ಅಸಲಿಯೋ ನಕಲಿಯೋ ಎಂಬ ಚಿಂತೆ ಕಾಡಲಿಲ್ಲ, ಕಾಡಿದ್ದು ಮಜೂರಿ. ಮನೆಗೆ ಬಂದು ತೂಗಿದರೆ 48 ಗ್ರಾಂ. ಹರಳಿನ ತೂಕವನ್ನೂ ಬೆಳ್ಳಿಯೆಂದೇ ಹಿಡಿದರೂ ಅಂದಿನ ದರದಲ್ಲಿ 25 ಡಾಲರ್ ದಾಟುತ್ತಿರಲಿಲ್ಲ. ಮಜೂರಿಗೆ ಚೌಕಾಸಿ ಮಾಡದೆ ಕಾಲುಂಗುರವನ್ನೂ ಕೊಳ್ಳದ ಮನೆಯಲ್ಲಿ ಬೆಳೆದ ನನಗೆ ಆ ಲೆಕ್ಕ ಬಹಳ ದಿನ ಚುಚ್ಚುತ್ತಿತ್ತು.

ಆದರೆ ನನ್ನ ದೊಡ್ಡ ತಕರಾರು ಹರಳಿನದು. ಆಕಾಶನೀಲಿಯಾಗಿದ್ದ ಟರ್ಕೋಯಿಸ್ ಎರಡು ವರ್ಷ ತುಂಬುವಷ್ಟರಲ್ಲಿ ಒಂದು ಅಂಚಿನಿಂದ ಹಸಿರಾಗತೊಡಗಿತು. ರಾಳ ಕುಡಿಸಿ ಗಟ್ಟಿಮಾಡಿದ ಹರಳು ಇಷ್ಟು ಬೇಗ ಬಣ್ಣಗೆಡುವುದಿಲ್ಲ. ನನ್ನದು ಏನನ್ನೂ ಬೆರೆಸದೆ ಉಜ್ಜಿ ಕೂರಿಸಿದ್ದಾದ್ದರಿಂದ ನಾನು ದಿನವೂ ತಲೆಗೆ ಹಚ್ಚುವ ಕೊಬ್ಬರಿ ಎಣ್ಣೆಯನ್ನೆಲ್ಲ ಹೀರಿಕೊಂಡಿತ್ತು. ಎಣ್ಣೆ ತಾಗಿಸಬೇಡಿ ಎಂದು ಅಕ್ಕಸಾಲಿಗರು ಹೇಳಿದ್ದರು, ನಾನೇ ಕಿವಿಗೆ ಹಾಕಿಕೊಂಡಿರಲಿಲ್ಲ. ಇದು ಸಾಲದೆಂಬಂತೆ, ಇಲ್ಲಿಗೆ ಬಂದಿದ್ದ ಅಮ್ಮ ಹಬ್ಬದ ಹಿಂದಿನ ದಿನ ದೀಪದ ಕಂಬಗಳ ಜೊತೆ ಇದನ್ನೂ ವಿಭೂತಿ ಹಚ್ಚಿ ತಿಕ್ಕಿದರು. ಅಚ್ಚು ಒತ್ತಿ ಮೂಡಿಸಿದ ಚಿತ್ತಾರದ ತಗ್ಗುಗಳಲ್ಲಿ ಬೇಕೆಂದೇ ಉಳಿಸಿದ್ದ ಕಪ್ಪು ಹೋಗಿ, ಚಿತ್ತಾರವೆಲ್ಲ ಮಂಕಾಯಿತು.

ಮತ್ತೆ ಸಾಂಟಾ ಫೆಗೆ ಹೋದೆ. ಮಾರುವವರಿಗೆ ಜಗಲಿಯ ಜಾಗವನ್ನು ಚೀಟಿ ಎತ್ತಿ ಹಂಚುವುದರಿಂದ ಆ ಅಕ್ಕಸಾಲಿಗರು ಸಿಕ್ಕಿದ್ದು ಮೂರನೆಯ ಸಲ. ಮುಂದಿನ ವಾರ ಕಪ್ಪು ಹಿಡಿಸಿ, ಉಬ್ಬುಗಳನ್ನಷ್ಟೇ ಒರೆಸಿ ಕೊಟ್ಟರು, ಕಾಸು ತೆಗೆದುಕೊಳ್ಳಲಿಲ್ಲ. ಹಳೆಯ ಅರದ ಉಕ್ಕನ್ನು ಕೊರೆದು ತಾವೇ ಮಾಡಿಕೊಂಡ ಅಚ್ಚುಗಳನ್ನು ತೋರಿಸಿದರು. ಪ್ರತಿ ಅಚ್ಚಿಗೂ ಒಂದೇ ಪೆಟ್ಟು, ಎರಡನೆಯದು ಬಿದ್ದರೆ ಗೆರೆ ಜೋಡಿಯಾಗುತ್ತದೆ. ನನ್ನ ಕಡಗದ ಎಡದಿಂದ ಒಂಬತ್ತನೆಯ ಅಚ್ಚು ಎಳ್ಳಷ್ಟು ಓರೆಯಾಗಿರುವುದನ್ನು ಅಂದೇ ಮೊದಲು ಕಂಡೆ. ಈಗ ಕಚೇರಿಯ ಸಭೆಗಳಲ್ಲಿ ಹೆಬ್ಬೆರಳು ತಾನಾಗಿ ಅಲ್ಲಿಗೆ ಹೋಗುತ್ತದೆ.

ತೂಕದ ಲೆಕ್ಕ ನವಾಹೋ ಜನರಿಗೂ ಹೊಸದೇನಲ್ಲ. ನವಾಹೋಗಳಲ್ಲಿ ಮೊದಲು ಬೆಳ್ಳಿ ಕೆಲಸ ಮಾಡಿದವನೆಂದು ಅಟ್ಸಿಡಿ ಸಾನಿಯನ್ನು ಹೆಸರಿಸುವುದುಂಟು. ಅವನು ಕಬ್ಬಿಣದ ಕೆಲಸದಿಂದ ಬಂದವನು. 19ನೆಯ ಶತಮಾನದಲ್ಲಿ ಅಮೆರಿಕ, ಮೆಕ್ಸಿಕೋಗಳ ನಾಣ್ಯ ಕರಗಿಸಿ ಬಡಿದ ಒಡವೆಗಳೇ ಮನೆಯ ಉಳಿತಾಯವಾಗಿದ್ದು, ಕುರಿಯ ಉಣ್ಣೆ ಕೈಗೆ ಬರುವವರೆಗೆ ಅವನ್ನು ವ್ಯಾಪಾರಿಯ ಅಂಗಡಿಯಲ್ಲಿ ಒತ್ತೆಯಿಟ್ಟು ಹಿಟ್ಟು, ಕಾಫಿ ತರುತ್ತಿದ್ದರು. ನಮ್ಮಜ್ಜಿಗೆ ಇದನ್ನು ಬಿಡಿಸಿ ಹೇಳಬೇಕಾಗುತ್ತಿರಲಿಲ್ಲ.

ಹೊಸ ಹರಳಿಗೆ 120 ಡಾಲರ್ ಎಂದರು. ಹಸಿರೇ ಇರಲಿ ಎಂದು ಬಂದೆ. ಈಗ ಎಣ್ಣೆ ಹಚ್ಚುವ ಮುನ್ನ ಕಡಗ ಬಿಚ್ಚಿ, ಹಳೆಯ ಹತ್ತಿ ಸೀರೆಯ ತುಂಡಿನಲ್ಲಿ ಒರೆಸಿಡುತ್ತೇನೆ. ಕೊಳ್ಳುವವರು ಕಡಗದ ತೆರೆದ ಬಾಯಿಯ ಅಳತೆಯನ್ನು ಅಲ್ಲೇ ಸರಿಮಾಡಿಸಿಕೊಳ್ಳಿ. ಮಣಿಕಟ್ಟಿನ ಪಕ್ಕದಿಂದ ತೂರಿಸಿ ತಿರುಗಿಸಬೇಕೇ ಹೊರತು, ಬಾಯಿ ಅಗಲಿಸಿ ಹಾಕಿಕೊಳ್ಳುತ್ತ ಹೋದರೆ ಹರಳಿನ ಕಟ್ಟು ಸಡಿಲವಾಗುತ್ತದೆ.