ವಿಂಟರ್‌ರೈಸ: ಯಾರ ಪಿಯಾನೋ ಜೊತೆ ಕೇಳಬೇಕು?

ಆಸ್ಟ್ರಿಯಾದ ಸಂಗೀತ ರಚನೆಕಾರ ಶೂಬರ್ಟ್‌ನ 'ವಿಂಟರ್‌ರೈಸ', ಅಂದರೆ ಚಳಿಗಾಲದ ಪಯಣ, ಕೇಳೋಣ ಅಂತ ಯಾವುದೇ ಮ್ಯೂಸಿಕ್ ಆ್ಯಪ್‌ನಲ್ಲಿ ಹುಡುಕಿ, ಹತ್ತಾರು ರೆಕಾರ್ಡಿಂಗ್ ಸಾಲಾಗಿ ಬಂದು ನಿಲ್ಲುತ್ತವೆ. ಗಂಡಸರು ಹಾಡಿದ್ದು, ಹೆಂಗಸರು ಹಾಡಿದ್ದು, ಮಂದ್ರದ ದನಿ, ತಾರದ ದನಿ. ಕವರ್ ಮೇಲೆ ಒಬ್ಬ ಗಾಯಕ ಕೋಟಿನ ಕಾಲರ್ ಏರಿಸಿಕೊಂಡು ಹಿಮ ನೋಡುತ್ತಾ ನಿಂತಿರುತ್ತಾನೆ. ಯಾವುದರಿಂದ ಶುರು ಮಾಡಲಿ ಅಂತ ಕೇಳಿದರೆ ಬಲ್ಲವರು ಗಾಯಕರ ಹೆಸರು ಹೇಳುತ್ತಾರೆ. ನಾನೂ ಹಾಗೇ ಆರಿಸುತ್ತಿದ್ದೆ. ಕೆಲವನ್ನು ಅಕ್ಕಪಕ್ಕ ಇಟ್ಟು ಕೇಳಿದ ಮೇಲೆ ಈಗ ಮೊದಲು ಪಿಯಾನೋ ಯಾರದ್ದು ಅಂತ ನೋಡುತ್ತೇನೆ. ಹಾಡುವವರು ಆಮೇಲೆ.

ಗೊತ್ತಿಲ್ಲದವರಿಗೆ ನಾಲ್ಕು ಮಾತು. ಇದು 24 ಹಾಡುಗಳ ಒಂದು ಸರಣಿ. ಒಂದು ಕಂಠ, ಒಂದು ಪಿಯಾನೋ, ಒಂದು ಗಂಟೆಗಿಂತ ಜಾಸ್ತಿ ಹೊತ್ತು. ಕಥೆ ಅಂತ ಹೆಚ್ಚೇನಿಲ್ಲ. ಪ್ರೀತಿ ಮುರಿದುಬಿದ್ದ ಒಬ್ಬ ರಾತ್ರಿ ಊರು ಬಿಟ್ಟು ಹಿಮದಲ್ಲಿ ನಡೆಯುತ್ತಾ ಹೋಗುತ್ತಾನೆ, ಅಷ್ಟೆ. ಪದ್ಯಗಳು ವಿಲ್‌ಹೆಲ್ಮ್ ಮ್ಯುಲರ್ ಎಂಬ ಜರ್ಮನ್ ಕವಿಯವು. ಶೂಬರ್ಟ್ ಕೈಗೆ ಮೊದಲು ಸಿಕ್ಕಿದ್ದು 12 ಪದ್ಯ. ಅವಕ್ಕೆ 1827ರ ಫೆಬ್ರವರಿಯಲ್ಲಿ ಸಂಗೀತ ಕೂಡಿಸಿದ. ಆಮೇಲೆ ಉಳಿದ 12 ಕಣ್ಣಿಗೆ ಬಿದ್ದವು, ಅವನ್ನು ಅದೇ ವರ್ಷದ ಅಕ್ಟೋಬರ್‌ನಲ್ಲಿ ಎತ್ತಿಕೊಂಡ. ಈ ಎರಡರ ನಡುವೆ, ಸೆಪ್ಟೆಂಬರ್ ಕೊನೆಯಲ್ಲಿ, ಮ್ಯುಲರ್ ತೀರಿಕೊಂಡಿದ್ದ. ವಯಸ್ಸು 32. ಶೂಬರ್ಟ್ ಮರುವರ್ಷ ನವೆಂಬರ್‌ನಲ್ಲಿ ಹೋದ, 31ಕ್ಕೆ. ಕೊನೆಯ ದಿನಗಳಲ್ಲೂ ಎರಡನೇ ಭಾಗದ ಪ್ರೂಫ್ ತಿದ್ದುತ್ತಿದ್ದನಂತೆ.

ಅಂದಹಾಗೆ, ಬೆಂಗಳೂರಿನಲ್ಲಿ ಜರ್ಮನ್ ಕಲಿತವರಿಗೆ ಈ ಕವಿಯ ಮನೆತನದ ಹೆಸರು ಹೊಸದಲ್ಲ. ನಮ್ಮ ಮ್ಯಾಕ್ಸ್ ಮ್ಯುಲರ್ ಭವನ ಯಾರ ಹೆಸರಿನಲ್ಲಿದೆಯೋ, ಋಗ್ವೇದವನ್ನು ಸಂಪಾದಿಸಿ ಅಚ್ಚು ಹಾಕಿಸಿದ ಆ ಮ್ಯಾಕ್ಸ್ ಮ್ಯುಲರ್, ಈ ಕವಿಯ ಮಗ. ಅಪ್ಪ ಸತ್ತಾಗ ಹುಡುಗನಿಗೆ ನಾಲ್ಕು ವರ್ಷ ತುಂಬಿರಲಿಲ್ಲ.

ನಾನು ಹೋಲಿಸಿದ ರೀತಿ ಹೀಗೆ. ಪ್ರತಿ ರೆಕಾರ್ಡಿಂಗನ್ನೂ ಒಮ್ಮೆ ಪೂರ್ತಿ ಕೇಳುವುದು. ಆಮೇಲೆ ಮೂರೇ ಹಾಡುಗಳನ್ನು ಒಂದರ ಹಿಂದೆ ಒಂದು, ಬೇರೆ ಬೇರೆಯವರದ್ದು. ಮೊದಲನೆಯದು 'ಗೂಟೆ ನಾಖ್ಟ್', ಅಂದರೆ ಶುಭರಾತ್ರಿ. ಅದರಲ್ಲಿ ಪಿಯಾನೋ ಹೆಜ್ಜೆ ಹಾಕುತ್ತಲೇ ಇರುತ್ತದೆ, ಎಲ್ಲೂ ನಿಲ್ಲುವುದಿಲ್ಲ. ಎರಡನೆಯದು 'ಔಫ್ ಡೆಮ್ ಫ್ಲುಸ್ಸೆ'. ಹೆಪ್ಪುಗಟ್ಟಿದ ಹೊಳೆಯ ಮೇಲೆ ಅವನು ಚೂಪು ಕಲ್ಲಿನಿಂದ ಅವಳ ಹೆಸರು ಕೆತ್ತುವ ಹಾಡು. ಮೂರನೆಯದು ಕೊನೆಯ ಹಾಡು 'ಡೆರ್ ಲೈಯರ್‌ಮನ್'. ಊರಾಚೆ ಮಂಜುಗಡ್ಡೆಯ ಮೇಲೆ ಬರಿಗಾಲಲ್ಲಿ ನಿಂತು, ಹಿಡಿ ತಿರುಗಿಸಿ ವಾದ್ಯ ನುಡಿಸುವ ಮುದುಕ. ಅವನ ತಟ್ಟೆಗೆ ಯಾರೂ ಕಾಸು ಹಾಕುವುದಿಲ್ಲ.

ಕರ್ನಾಟಕ ಸಂಗೀತ ಕೇಳಿ ಬೆಳೆದ ಕಿವಿ ನನ್ನದು. ಪಿಯಾನೋ ಅಂದರೆ ಪಕ್ಕವಾದ್ಯ ಅಂದುಕೊಂಡೇ ಕೂತಿದ್ದೆ. ಇಲ್ಲಿ ಆ ಲೆಕ್ಕ ನಡೆಯುವುದಿಲ್ಲ. ಗಾಯಕ ಹೋದಲ್ಲಿಗೆ ಹಿಂಬಾಲಿಸುವ ಕೆಲಸವೇ ಇಲ್ಲ, ಪಿಯಾನೋದ ಒಂದೊಂದು ಸ್ವರವೂ ಬರೆದಿಟ್ಟದ್ದು. ನಾಯಿ ಬೊಗಳುವುದು, ಎಲೆ ಉದುರುವುದು, ತಲೆ ಮೇಲೆ ಕಾಗೆ ಸುತ್ತುವುದು, ಎಲ್ಲ ಬೆರಳುಗಳ ಪಾಲು. ಗಾಯಕ ತನ್ನ ದುಃಖ ಹೇಳಿಕೊಳ್ಳುತ್ತಾನೆ. ಅವನ ಸುತ್ತಲ ಊರು, ಚಳಿ, ದಾರಿ ಪಿಯಾನೋದಲ್ಲಿವೆ.

ಇದು ನನ್ನ ಭ್ರಮೆಯೋ ನಿಜವೋ ಅಂತ ನೋಡಲು ಸುಲಭದ ದಾರಿ ಇದೆ. ಮೊದಲು ಒಬ್ಬರೇ ಪಿಯಾನೋದವರು, ಇಬ್ಬರು ಗಾಯಕರು. ಆಮೇಲೆ ಅದೇ ಗಾಯಕ, ಬೇರೆ ಪಿಯಾನೋ.

ಜೆರಾಲ್ಡ್ ಮೂರ್ 1954ರಲ್ಲಿ ಹಾನ್ಸ್ ಹಾಟರ್ ಜೊತೆ ನುಡಿಸಿದರು, 1971ರಲ್ಲಿ ಡೀಟ್ರಿಚ್ ಫಿಷರ್-ಡೀಸ್ಕಾವ್ ಜೊತೆ. ಹಾಟರ್ ಅಂದರೆ ವಾಗ್ನರ್ ಆಪೆರಾಗಳ ದೇವರಾಜ ವೋಟಾನ್ ಪಾತ್ರಕ್ಕೆ ಹೆಸರಾದವರು. ದೊಡ್ಡ, ಕಪ್ಪು, ಆಳದ ದನಿ. ಅಷ್ಟು ದೊಡ್ಡ ದನಿಯನ್ನು ಪಿಸುಮಾತಿಗೆ ಇಳಿಸುತ್ತಾರೆ ನೋಡಿ, ಅದು ಈ ರೆಕಾರ್ಡಿಂಗ್‌ನ ಸೊಗಸು. ಆದರೆ ಮೊದಲ ಹಾಡಿನಿಂದಲೇ ಇವರು ದಣಿದ ಹಿರಿಯರು. ಮದುವೆ ತಪ್ಪಿದ ಹುಡುಗನ ಹಾಗೆ ಕೇಳುವುದಿಲ್ಲ. ಫಿಷರ್-ಡೀಸ್ಕಾವ್ ಅವರದ್ದು ಪದದ ಹಾದಿ. ಒಂದೊಂದು ಅಕ್ಷರವೂ ಬಿಡಿಬಿಡಿಯಾಗಿ ಕಿವಿಗೆ ಬೀಳುತ್ತದೆ. ಜರ್ಮನ್ ಅರ್ಧಂಬರ್ಧ ಬರುವವರಿಗೆ ಇದಕ್ಕಿಂತ ಒಳ್ಳೆಯ ಮೇಷ್ಟ್ರು ಸಿಗಲಾರರು. ಇಬ್ಬರೂ ಅಷ್ಟು ಬೇರೆ. ಆದರೂ ಎರಡು ರೆಕಾರ್ಡಿಂಗ್‌ನಲ್ಲೂ ಊರು ಒಂದೇ. ಮೆತ್ತಗಿನ ಹಿಮ, ಹದವಾದ ಹೆಜ್ಜೆ, ಗಾಯಕ ಉಸಿರು ತೆಗೆದುಕೊಳ್ಳುವಲ್ಲಿ ಗೊತ್ತಾಗದಷ್ಟು ಕಾಯುವ ಪಿಯಾನೋ. ಮೂರ್ ತಮ್ಮ ಆತ್ಮಕಥೆಗೆ 'ನಾನು ಜೋರಾದೆನಾ?' ಅನ್ನೋ ಅರ್ಥದ ಹೆಸರಿಟ್ಟವರು. ಇಲ್ಲ ಸ್ವಾಮಿ, ನನ್ನ ದೂರು ಇನ್ನೊಂದು ಕಡೆಯದು. ನೀವು ತೀರಾ ಸಜ್ಜನರಾದಿರಿ.

ಈಗ ಎರಡನೇ ಪರೀಕ್ಷೆ. ಫಿಷರ್-ಡೀಸ್ಕಾವ್ ಈ ಸರಣಿಯನ್ನು ಜೀವನದುದ್ದಕ್ಕೂ ರೆಕಾರ್ಡ್ ಮಾಡುತ್ತಲೇ ಇದ್ದರು. ಡೆಮುಸ್, ಬಾರೆನ್‌ಬೋಯಿಮ್, ಬ್ರೆಂಡೆಲ್, ಪೆರಾಯಾ, ಒಬ್ಬೊಬ್ಬರ ಜೊತೆ ಒಂದೊಂದು. ನಾನು ಎತ್ತಿಕೊಂಡದ್ದು 1985ರ ಆಲ್‌ಫ್ರೆಡ್ ಬ್ರೆಂಡೆಲ್ ಜೊತೆಯದ್ದು. ಗಾಯಕರಿಗೆ ಆಗ ಅರವತ್ತು. ದನಿ ಮೊದಲಿನಂತಿಲ್ಲ, ಮೇಲಿನ ಸ್ವರಗಳಲ್ಲಿ ಒರಟು ಕಾಣುತ್ತದೆ. ದನಿಯೊಂದನ್ನೇ ತೂಗಿದರೆ 1971ರದ್ದು ಕಣ್ಣು ಮುಚ್ಚಿ ಗೆಲ್ಲಬೇಕು. ಗೆಲ್ಲುವುದಿಲ್ಲ. ಬ್ರೆಂಡೆಲ್ ಯಾರಿಗೂ ಕಾಯುವುದಿಲ್ಲ. ಹೊಳೆಯ ಹಾಡಿನ ಕೊನೆಯಲ್ಲಿ ಒಂದು ತಿರುವು ಇದೆ. ಅಲ್ಲಿಯವರೆಗೆ ಗಾಯಕನ ಬಾಯಲ್ಲಿದ್ದ ರಾಗ ಪಿಯಾನೋದ ಎಡಗೈಗೆ ಇಳಿಯುತ್ತದೆ. ಮೇಲೆ ಗಾಯಕ ಕೇಳುತ್ತಾನೆ, ನನ್ನ ಮನಸ್ಸೇ, ಈ ಹೊಳೆಯಲ್ಲಿ ನಿನ್ನ ರೂಪ ಕಂಡೆಯಾ ಅಂತ. ಮೂರ್ ಅಲ್ಲಿ ಎಡಗೈಯನ್ನು ದನಿಯ ಕೆಳಗೆ ಇಡುತ್ತಾರೆ. ಬ್ರೆಂಡೆಲ್ ಎದುರಿಗೆ ತಂದು ನಿಲ್ಲಿಸುತ್ತಾರೆ. ಮಂಜುಗಡ್ಡೆಯ ಕೆಳಗೆ ನೀರು ಉಕ್ಕುತ್ತಿದೆ ಅನ್ನುವ ಪದ್ಯದ ಮಾತು ಆಗ ನಿಜ ಅನಿಸುತ್ತದೆ. ಅದೇ ಗಂಟಲು, ಅದೇ ಪದ, ಹಾಡು ಮಾತ್ರ ಬೇರೆ.

ಇಲ್ಲಿ ಒಂದು ತಾಂತ್ರಿಕ ಸಂಗತಿ ಹೇಳಿಬಿಡಬೇಕು. ಶೂಬರ್ಟ್ ಇವನ್ನು ಬರೆದದ್ದು ತಾರದ ದನಿಗೆ, ಟೆನರ್ ಗಾಯಕರಿಗೆ ಹೊಂದುವ ಶ್ರುತಿಯಲ್ಲಿ. ಅದಕ್ಕಿಂತ ತಗ್ಗಿನ ಗಂಡುದನಿ, ಅಂದರೆ ಬ್ಯಾರಿಟೋನ್, ಹಾಡಿದರೆ ಶ್ರುತಿ ಇಳಿಸಲೇಬೇಕು. ದನಿಯ ಜೊತೆ ಪಿಯಾನೋ ಪೂರ್ತಿ ಕೆಳಗೆ ಇಳಿಯುತ್ತದೆ. ಎಡಗೈ ಮೊದಲೇ ತಗ್ಗಿನಲ್ಲಿರುತ್ತದೆ, ಇನ್ನೂ ಇಳಿದಾಗ ಸ್ವರಗಳು ಒಂದಕ್ಕೊಂದು ಮೆತ್ತಿಕೊಳ್ಳುತ್ತವೆ. ಹಾಟರ್ ಜೊತೆ ಮೂರ್ ಇದನ್ನು ಶುಚಿಯಾಗಿ ಇಟ್ಟುಕೊಂಡದ್ದು ಸಣ್ಣ ಕೆಲಸವಲ್ಲ. ಆದರೂ ಟೆನರ್‌ಗಳ ರೆಕಾರ್ಡಿಂಗ್‌ಗೆ ಬಂದ ಕೂಡಲೇ ಕಿಟಕಿ ತೆರೆದು ಚಳಿಗಾಳಿ ಒಳಗೆ ಬಂದಂತಾಯಿತು.

ಹಾಗೆ ಬಂದದ್ದು ಪೀಟರ್ ಪಿಯರ್ಸ್ ಮತ್ತು ಬೆಂಜಮಿನ್ ಬ್ರಿಟನ್, 1963. ಪಿಯರ್ಸ್ ದನಿ ಎಲ್ಲರಿಗೂ ಹಿಡಿಸುವುದಲ್ಲ. ಒಣ ದನಿ, ಸ್ವಲ್ಪ ನಡುಕ. ನಮ್ಮ ಮನೆಯಲ್ಲಿ ಸ್ಪೀಕರ್‌ನಲ್ಲಿ ಹಾಕಿದರೆ "ಯಾರ್ರೀ ಇದು, ಮೂಗಲ್ಲಿ ಹಾಡ್ತಿರೋದು?" ಅಂತ ಅಡುಗೆಮನೆಯಿಂದ ಪ್ರಶ್ನೆ ಬರುತ್ತದೆ. ನ್ಯಾಯವಾದ ಪ್ರಶ್ನೆಯೇ. ಆದರೆ ಬ್ರಿಟನ್! ಅವರು ಸ್ವತಃ ದೊಡ್ಡ ಸಂಗೀತ ರಚನೆಕಾರ. ಬೇರೆಯವರು ಬರೆದದ್ದನ್ನು ಓದಿ ನುಡಿಸುತ್ತಿದ್ದಾರೆ ಅನಿಸುವುದೇ ಇಲ್ಲ, ಈಗ ತಾನೇ ಹೊಳೆದದ್ದು ಅನಿಸುತ್ತದೆ. ಮೊದಲ ಹಾಡಿನ ಕೊನೆಯ ಚರಣದಲ್ಲಿ, ನಿನ್ನ ಕನಸಿಗೆ ಅಡ್ಡಿ ಮಾಡೋದಿಲ್ಲ ಅನ್ನುವಲ್ಲಿ, ಹಾಡು ಮೈನರ್‌ನಿಂದ ಮೇಜರ್‌ಗೆ ಹೊರಳುತ್ತದೆ. ನಮ್ಮ ಭಾಷೆಯಲ್ಲಿ ಹೇಳುವುದಾದರೆ ಸಾಧಾರಣ ಗಾಂಧಾರ ಅಂತರ ಗಾಂಧಾರ ಆಗುತ್ತದೆ. ಅಷ್ಟೇ ವ್ಯತ್ಯಾಸ. ಬ್ರಿಟನ್ ಅದಕ್ಕೆ ಮೊದಲೇ ಸದ್ದು ತಗ್ಗಿಸಿ ದಾರಿ ಮಾಡಿರುತ್ತಾರೆ. ಬೇರೆಯವರಲ್ಲಿ ಆ ಜಾಗ ಚೆಂದ ಅನಿಸಿತ್ತು. ಇಲ್ಲಿ ಹೊಟ್ಟೆಯೊಳಗೆ ಏನೋ ಆಯಿತು. ಪಿಯರ್ಸ್ ಬಗ್ಗೆಯೂ ಒಂದು ಮಾತು ಸೇರಿಸಬೇಕು. ಕೇಳುತ್ತಾ ಹೋದಂತೆ ಆ ದನಿ ಈ ಮನುಷ್ಯನಿಗೆ ಸರಿ ಅಂತಲೇ ಅನಿಸತೊಡಗುತ್ತದೆ. ನಯವಾದ ದನಿಯವನು ಇಷ್ಟು ದೂರ ನಡೆದು ಬರುತ್ತಿದ್ದನೇ?

ಪೀಟರ್ ಶ್ರಾಯರ್ ಮತ್ತು ಸ್ವಿಯಾತೊಸ್ಲಾವ್ ರಿಕ್ಟರ್ ಅವರದ್ದು ಸ್ಟುಡಿಯೋದ್ದಲ್ಲ. 1985ರ ಫೆಬ್ರವರಿಯಲ್ಲಿ ಡ್ರೆಸ್ಡೆನ್‌ನ ಸೆಂಪರ್ ಆಪೆರಾ ಹೌಸ್‌ನಲ್ಲಿ ನಡೆದ ಕಛೇರಿ. ಯುದ್ಧದ ಬಾಂಬಿಗೆ ಹಾಳಾಗಿದ್ದ ಆ ಕಟ್ಟಡ 40 ವರ್ಷದ ಮೇಲೆ ಮತ್ತೆ ಬಾಗಿಲು ತೆರೆದದ್ದು ಅದೇ ತಿಂಗಳು. ಚಳಿಗಾಲ ಬೇರೆ, ಸಭೆಯಲ್ಲಿ ಕೆಮ್ಮು ಕೇಳಿಸುತ್ತದೆ. ಅದನ್ನು ಸಹಿಸದವರು ಇದರ ತಂಟೆಗೆ ಹೋಗಬೇಡಿ. ರಿಕ್ಟರ್ ತುಂಬಾ ನಿಧಾನ. ಮೊದಲ ಹಾಡಿನಲ್ಲಿ ಹೆಜ್ಜೆ ಎಷ್ಟು ತಡೆದು ಬೀಳುತ್ತದೆ ಅಂದರೆ, ಇವನು ಊರಿನ ಗೇಟನ್ನೂ ದಾಟುವುದಿಲ್ಲ ಅನಿಸಿತು. ನನಗೆ ಅರ್ಧ ಹಾಡುಗಳಲ್ಲಿ ಇದು ಅತಿಯಾಯಿತು. ಉಳಿದರ್ಧದಲ್ಲಿ ಬೇರೆ ಯಾರೂ ಹತ್ತಿರ ಸುಳಿಯಲಿಲ್ಲ.

ಕ್ರಿಸ್ಟೋಫ್ ಪ್ರೆಗಾರ್ಡಿಯನ್ ಮತ್ತು ಆಂಡ್ರಿಯಾಸ್ ಸ್ಟೈಯರ್ ಅವರ ಆಯ್ಕೆ ಬೇರೆಯೇ. 1990ರ ದಶಕದ ರೆಕಾರ್ಡಿಂಗ್ ಆದರೂ ಸ್ಟೈಯರ್ ನುಡಿಸುವುದು ಫೋರ್ಟೆಪಿಯಾನೋ, ಶೂಬರ್ಟ್ ಕಾಲದ ಬಗೆಯ ವಾದ್ಯ. ಕಬ್ಬಿಣದ ದೊಡ್ಡ ಚೌಕಟ್ಟಿಲ್ಲ, ಸುತ್ತಿಗೆಗಳ ಮೇಲೆ ತೊಗಲು, ಸದ್ದು ಬೇಗ ಆರಿಹೋಗುತ್ತದೆ. ಇಂಥ ವಿಯೆನ್ನಾ ಪಿಯಾನೋಗಳಲ್ಲಿ ತಂತಿಗೂ ಸುತ್ತಿಗೆಗೂ ನಡುವೆ ಬಟ್ಟೆಯ ಪಟ್ಟಿ ಸರಿಸುವ ಪೆಡಲ್ ಕೂಡ ಇರುತ್ತಿತ್ತು. ಒತ್ತಿದರೆ ಸದ್ದು ಮಂಜಿನ ಆಚೆಯಿಂದ ಬರುತ್ತದೆ. ಮೊದಲು ಕೇಳಿದಾಗ ಬಡಕಲು ಅನಿಸಬಹುದು. ಸ್ವಲ್ಪ ತಾಳಿ. ದೊಡ್ಡ ಪಿಯಾನೋದ ಎದುರು ಗಾಯಕ ದನಿ ಏರಿಸಬೇಕಾಗುತ್ತದೆ, ಇಲ್ಲಿ ಬೇಕಿಲ್ಲ. ಇಬ್ಬರೂ ಒಂದೇ ಕೋಣೆಯಲ್ಲಿ ಕೂತು ಮಾತಾಡಿಕೊಂಡಂತೆ ಇದೆ. ಹೊಳೆಯ ಹಾಡಿನ ಎಡಗೈ ಬಿಡಿಬಿಡಿಯಾಗಿ ಕೇಳಿಸಿದ್ದು ಇದರಲ್ಲೇ.

ಬ್ರಿಗಿಟ್ಟ ಫಾಸ್‌ಬೆಂಡರ್ ಮತ್ತು ಆರಿಬರ್ಟ್ ರೈಮನ್, 1980ರ ದಶಕದ ಕೊನೆ. ಹೆಂಗಸು ಇದನ್ನು ಹಾಡಬಹುದಾ ಅನ್ನುವ ಚರ್ಚೆ ನನಗೆ ಬೇಡ. ಲೊಟ್ಟೆ ಲೇಮನ್ 1940ರ ಹೊತ್ತಿಗೇ ಹಾಡಿ ಮುಗಿಸಿದ್ದರು. ಫಾಸ್‌ಬೆಂಡರ್ ಹಾಡಿನಲ್ಲಿ ದುಃಖಕ್ಕಿಂತ ಸಿಟ್ಟು ಜಾಸ್ತಿ. ರೈಮನ್ ಕೂಡ ರಚನೆಕಾರರೇ. ಅವರ ಪಿಯಾನೋದಲ್ಲಿ ಒಂದಿಷ್ಟೂ ಮೆತ್ತೆ ಇಲ್ಲ, ಮಂಜುಗಡ್ಡೆ ಅಂದರೆ ಮಂಜುಗಡ್ಡೆಯೇ. ಇದನ್ನು ಕೇಳಿ ಮುಗಿಸಿದ ಮೇಲೆ ಬೇರೆ ಯಾವುದನ್ನೂ ತಕ್ಷಣ ಹಾಕಲು ಮನಸ್ಸಾಗಲಿಲ್ಲ. ಹಾನ್ಸ್ ಜೆಂಡರ್ 1993ರಲ್ಲಿ ಇಡೀ ಸರಣಿಯನ್ನು ಸಣ್ಣ ಆರ್ಕೆಸ್ಟ್ರಾಕ್ಕೆ ಹೊಂದಿಸಿ ಬರೆದದ್ದೂ ಇದೆ. ಗಾಳಿ ಬೀಸುವ ಯಂತ್ರದವರೆಗೆ ಎಲ್ಲ ತಂದಿದ್ದಾರೆ. ಜಾಣತನ ಇದೆ. ಪಿಯಾನೋ ಊಹೆಗೆ ಬಿಟ್ಟದ್ದನ್ನೆಲ್ಲ ಕಣ್ಣೆದುರು ತೋರಿಸಿಬಿಟ್ಟರೆ ನನಗೇನು ಕೆಲಸ?

ಕೊನೆಯ ಹಾಡಿಗೆ ಬರೋಣ, ಯಾಕೆಂದರೆ ನನ್ನ ತೀರ್ಪು ನಿಂತಿರುವುದು ಅಲ್ಲೇ. 'ಡೆರ್ ಲೈಯರ್‌ಮನ್' ಹಾಡಿನ ಉದ್ದಕ್ಕೂ ಪಿಯಾನೋದ ಎಡಗೈ ಎರಡೇ ಸ್ವರ ಹಿಡಿದಿರುತ್ತದೆ. ಸ ಮತ್ತು ಪ. ಮೊದಲ ಎರಡು ಆವರ್ತಗಳಲ್ಲಿ ಮಾತ್ರ ಪಕ್ಕದ ಒಂದು ಸ್ವರದಿಂದ ಜಾರಿ ಬೀಳುತ್ತದೆ, ಮುದುಕನ ವಾದ್ಯ ಶ್ರುತಿ ಹಿಡಿಯಲು ತಿಣುಕಿದ ಹಾಗೆ. ನಮ್ಮ ಕಿವಿಗೆ ಇದು ತಂಬೂರಿ. ಮೊದಲ ಸಲ ಕೇಳಿದಾಗ ಅಬ್ಬಾ, ಮನೆಗೆ ಬಂದೆ ಅನಿಸಿತ್ತು. ಆದರೆ 23 ಹಾಡುಗಳನ್ನು ದಾಟಿ ಬಂದರೆ ಪರಿಣಾಮ ತಿರುಗಾಮುರುಗಾ. ನಮಗೆ ಶ್ರುತಿ ಅಂದರೆ ಊರಿಕೊಳ್ಳುವ ನೆಲ, ಅದರ ಮೇಲೆ ರಾಗ ಬೆಳೆಯುತ್ತದೆ. ಇಲ್ಲಿ ಒಂದು ಗಂಟೆಯಿಂದ ಹಾರ್ಮನಿ, ಅಂದರೆ ಒಟ್ಟಿಗೆ ನುಡಿಯುವ ಸ್ವರಗಳ ಜೋಡಣೆ, ಕ್ಷಣಕ್ಷಣಕ್ಕೂ ಕದಲುತ್ತಿತ್ತು. ಈಗ ಅದು ನಿಂತುಹೋಗಿದೆ. ಮೇಲೆ ಏನೂ ಬೆಳೆಯುವುದಿಲ್ಲ.

ಈ ಎರಡು ಸ್ವರವನ್ನು ಹೇಗೆ ಹಿಡಿಯುತ್ತಾರೆ ಅನ್ನುವುದರಲ್ಲೇ ಎಲ್ಲರೂ ಬಯಲಾಗುತ್ತಾರೆ. ಮೂರ್ ಹಿಡಿದದ್ದು ಇಂಪಾಗಿದೆ, ಅದೇ ತೊಂದರೆ. ಬ್ರೆಂಡೆಲ್ ಕಟುವಾಗಿ ಹಿಡಿಯುತ್ತಾರೆ. ಸ್ಟೈಯರ್ ಕೈಯಲ್ಲಿ ಹಳೆಯ ವಾದ್ಯದ ತಂತಿ ಸಣ್ಣಗೆ ಗುಂಯ್‌ಗುಡುತ್ತದೆ, ನಿಜವಾದ ಹಿಡಿವಾದ್ಯಕ್ಕೆ ಅದೇ ಹತ್ತಿರ. ರಿಕ್ಟರ್ ಅಲುಗಾಡುವುದೇ ಇಲ್ಲ. ಅವರ ನಿಧಾನಕ್ಕೆ ಇಲ್ಲಿ ನಾನು ಪೂರ್ತಿ ಶರಣು. ಬ್ರಿಟನ್ ಅದನ್ನು ಮುದುಕನ ಕೈಗೇ ಕೊಟ್ಟುಬಿಡುತ್ತಾರೆ. ಗಾಯಕ ಏನು ಹೇಳಿದರೂ, ಯಾವ ಪ್ರಶ್ನೆ ಕೇಳಿದರೂ, ಪಿಯಾನೋಗೆ ಅದು ಕೇಳಿಸಿದ ಹಾಗೇ ಇಲ್ಲ.

ಹಾಗಾಗಿ ನನ್ನ ಆಯ್ಕೆ ಪಿಯರ್ಸ್–ಬ್ರಿಟನ್, ಮೂಗಿನ ದನಿಯ ಸಮೇತ. ಅದರ ಹಿಂದೆಯೇ ಪ್ರೆಗಾರ್ಡಿಯನ್–ಸ್ಟೈಯರ್. ಪದಪದ ಹಿಡಿದು ಕಲಿಯಬೇಕು ಅನ್ನುವವರು 1971ರ ಫಿಷರ್-ಡೀಸ್ಕಾವ್–ಮೂರ್ ತಗೊಳ್ಳಿ, ಮೋಸವಿಲ್ಲ. ಬಾಸ್ ದನಿಯ ಪ್ರೀತಿ ಇದ್ದವರಿಗೆ ಹಾಟರ್. ಶ್ರಾಯರ್–ರಿಕ್ಟರ್ ಮತ್ತು ಫಾಸ್‌ಬೆಂಡರ್–ರೈಮನ್ ಎರಡನ್ನೂ ಸರಣಿ ಪರಿಚಯ ಆದ ಮೇಲೆ ಕೇಳಿ, ಮೊದಲೇ ಬೇಡ.

ಆ್ಯಪ್‌ನಲ್ಲಿ ಕೇಳುವವರು ಶಫಲ್ ಬಟನ್ ಆಫ್ ಇದೆಯಾ ನೋಡಿಕೊಳ್ಳಿ. ಪದ್ಯಗಳ ಅನುವಾದ ಪಕ್ಕದಲ್ಲಿರಲಿ. ಒಂದೇ ಸಲಕ್ಕೆ 24 ಹಾಡು ಭಾರ ಅನಿಸಿದರೆ ಸುಮ್ನೆ ಹಠ ಹಿಡಿಯಬೇಡಿ. ಶೂಬರ್ಟ್ ಮೊದಲ ಸಲ ಹಾಡಿ ತೋರಿಸಿದಾಗ ಅವನ ಗೆಳೆಯರೇ ಕಕ್ಕಾಬಿಕ್ಕಿಯಾಗಿದ್ದರು. 'ಲಿಂಡೆನ್‌ಬೌಮ್' ಅನ್ನುವ ಹಾಡೊಂದೇ ನನಗೆ ಹಿಡಿಸಿದ್ದು ಅಂದನಂತೆ ಅವರಲ್ಲೊಬ್ಬ, ಶೋಬರ್. 12ನೆಯ ಹಾಡು 'ಐನ್‌ಜಾಮ್‌ಕೈಟ್'ಗೆ ನಿಲ್ಲಿಸಿ, ಉಳಿದದ್ದು ಇನ್ನೊಂದು ದಿನ. ಮೂಲ ಹಸ್ತಪ್ರತಿಯಲ್ಲಿ ಆ ಹಾಡು ಮೊದಲ ಹಾಡಿನ ಡಿ ಮೈನರ್‌ಗೇ ವಾಪಸ್ ಬರುತ್ತದೆ, ಶೂಬರ್ಟ್ ಅದರ ಕೆಳಗೆ ಮುಗಿಯಿತು ಅಂತ ಬರೆದೂ ಇಟ್ಟಿದ್ದ.